ಹೆಳವರ ಪುಸ್ತಕದಲ್ಲಿ ಚಲ್ಲಘಟ್ಟ

ಬೆಂಗಳೂರಿನ ನೇರಳೆ ಮಾರ್ಗದ ಮೆಟ್ರೊ ಚಲ್ಲಘಟ್ಟಕ್ಕೆ ಬಂದದ್ದು 2023ರ ಅಕ್ಟೋಬರ್‌ನಲ್ಲಿ. ಕೆಂಗೇರಿ ದಾಟಿ ಇಲ್ಲಿ ಇಳಿದು ಒಳಕ್ಕೆ ನಡೆದರೆ ನಾಡಪ್ರಭು ಕೆಂಪೇಗೌಡ ಬಡಾವಣೆ. ರಾಗಿ ಬೆಳೆಯುತ್ತಿದ್ದ ಕಡೆ ಸೈಟಿನ ಕಲ್ಲುಗಳು, ಎದೆಮಟ್ಟ ಹುಲ್ಲು. ಹಳೇ ಊರು ಒಂದು ಬದಿಗೆ ಒತ್ತರಿಸಿಕೊಂಡು ಕೂತಿದೆ.

ಹೊಂಗೆ ಮರದಡಿ ಓಮ್ನಿ ವ್ಯಾನು. ಹಿಂದಿನ ಸೀಟು ಕಿತ್ತ ಜಾಗದಲ್ಲಿ ಹಾಸಿಗೆ, ಸ್ಟವ್ವು, ಮನೆಮನೆಯಲ್ಲಿ ಕೊಟ್ಟ ಅಕ್ಕಿಯ ಚೀಲ. ಹೆಂಡತಿ ಕೊಟ್ಟ ಟೀ ಕುಡಿದು, ರುಮಾಲು ಸುತ್ತಿಕೊಂಡು, ಮನೆತನಗಳ ವಂಶಾವಳಿ ಓದುವ ಹೆಳವರ ಅಜ್ಜ ಗಂಟೆ ಕೈಗೆತ್ತಿಕೊಳ್ಳುತ್ತಾರೆ. ಹಿಂದಿನವರು ಎತ್ತಿನ ಮೇಲೆ, ಕಾಲು ಕಾಣದಂತೆ ಕಂಬಳಿ ಮುಚ್ಚಿಕೊಂಡು ಬರುತ್ತಿದ್ದರು. ಈಗ ಎತ್ತಿಲ್ಲ. ಗಂಟೆ ಅದೇ.

'ಗೌಡ್ರೇ, ಹೆಳವ ಬಂದಿವ್ನಿ!'

ಜಗಲಿಯ ಮೇಲೆ ಚಾಪೆ ಬೀಳುತ್ತದೆ. ಕೆಂಪು ಬಟ್ಟೆಯ ಗಂಟು ಬಿಚ್ಚಿದರೆ ಮೊಳದುದ್ದದ ಪುಸ್ತಕ. ತಾಳೆಗರಿ, ತಾಮ್ರಪಟಗಳಿಂದ ಕಾಗದಕ್ಕೆ ಇಳಿದ ವಿದ್ಯೆ ಇದು. ಅಂಚು ಇಲಿ ತಿಂದಿದೆ. ಮಡಿಕೆಯಲ್ಲಿ ಅಕ್ಷರ ಅಳಿಸಿದ ಕಡೆ ಅಜ್ಜ ತಡವರಿಸುವುದಿಲ್ಲ, ಬಾಯಲ್ಲೇ ತುಂಬುತ್ತಾರೆ. ಮೂಲಪುರುಷ ಯಾರು, ಯಾವ ಬರಕ್ಕೆ ಯಾವ ಊರು ಬಿಟ್ಟ, ಯಾವ ಮಗ ದತ್ತು ಹೋದ, ಯಾರಿಗೆ ಎರಡನೇ ಮದುವೆ. ಒಂದೇ ಉಸಿರಿಗೆ ಹೆಸರುಗಳು ಉರುಳುತ್ತವೆ. ಎದುರಿಗೆ ಕೂತ ಯಜಮಾನರ ಬಳಿಯಿರುವುದು ನಾಡಕಚೇರಿಯ ವಂಶವೃಕ್ಷ. ಭೂಸ್ವಾಧೀನದ ಪರಿಹಾರಕ್ಕೆಂದು ಮಾಡಿಸಿದ್ದು, ಮುತ್ತಜ್ಜನ ಹತ್ತಿರ ನಿಂತುಬಿಡುತ್ತದೆ.

ದಕ್ಷಿಣ ಭಾರತದ ಜಾತಿ-ಬುಡಕಟ್ಟುಗಳನ್ನು ದಾಖಲಿಸಿದ ಬ್ರಿಟಿಷ್ ಅಧಿಕಾರಿ ಎಡ್ಗರ್ ಥರ್ಸ್ಟನ್ 1909ರಲ್ಲಿ ಹೆಳವರನ್ನು ಭಿಕ್ಷುಕರೆಂದು ಬರೆದ. ಸರ್ಕಾರ ಇವರನ್ನು ಹಿಂದುಳಿದ ವರ್ಗಗಳ ಪ್ರವರ್ಗ-1ರಲ್ಲಿಟ್ಟಿದೆ. ಅಲೆಮಾರಿಗಳನ್ನು ದಾಖಲಿಸುವವರಿಗೇನೂ ಬರವಿಲ್ಲ; ಇಲ್ಲಿ ಅಲೆಮಾರಿ ನಮ್ಮನ್ನು ದಾಖಲಿಸುತ್ತಿದ್ದಾನೆ.

'ನನ್ನ ಮಗಳ ಹೆಸರೂ ಬರ್ಕೊ' ಎನ್ನುತ್ತಾರೆ ಮನೆಯೊಡತಿ.

'ಹೆಣ್ಣೈಕ್ಳ ಹೆಸರು ಬರಿಯೋ ವಾಡಿಕೆ ಇಲ್ಲ ಕಣವ್ವಾ.'

'ಪರಿಹಾರದ ಪತ್ರಕ್ಕೆ ಅವಳ ಸೈನು ಬೇಕಾಗಿತ್ತಲ್ಲ?'

ಕರ್ನಾಟಕದಲ್ಲಿ ಹೆಣ್ಣುಮಕ್ಕಳಿಗೆ ಪಿತ್ರಾರ್ಜಿತದ ಸಮಪಾಲು 1994ರಲ್ಲೇ ಬಂತು. ಹೆಳವರ ಪುಸ್ತಕಕ್ಕೆ ಇವತ್ತು ಬರುತ್ತಿದೆ. ಅಜ್ಜ ಬಾಲ್‌ಪೆನ್ನಿನ ಮೂತಿ ನಾಲಿಗೆಗೆ ತಾಗಿಸಿ, ತಮ್ಮಂದಿರ ಹೆಸರಿನ ಮೇಲೆ ಉಳಿದಿದ್ದ ಸಂದಿಯಲ್ಲಿ ಸಣ್ಣಕ್ಷರದಲ್ಲಿ ಸೇರಿಸುತ್ತಾರೆ. ಕಾಣಿಕೆಯಾಗಿ ಐನೂರರ ನೋಟು, ಒಂದು ಪಂಚೆ, ಮೊರದ ತುಂಬ ರಾಗಿ. ರಾಗಿ ಅಂಗಡಿಯದು.

ಮಧ್ಯಾಹ್ನದ ಹೊತ್ತಿಗೆ ವ್ಯಾನು ವಿಜಯನಗರದಲ್ಲಿದೆ. ಪರಿಹಾರದ ದುಡ್ಡಲ್ಲಿ ಯಜಮಾನರ ಎರಡನೇ ಮಗ ಫ್ಲ್ಯಾಟು ಕೊಂಡದ್ದು ಇಲ್ಲೇ; ಇನ್ನೊಬ್ಬ ಬಸವೇಶ್ವರನಗರ ಸೇರಿದ್ದಾನೆ. ಒಂದೇ ಜಗಲಿಯಲ್ಲಿ ಮುಗಿಯುತ್ತಿದ್ದ ಓದಿಗೆ ಈಗ ಇಡೀ ದಿನ ಬೇಕು, ಪೆಟ್ರೋಲು ಬೇರೆ. ಗೇಟಿನಲ್ಲಿ ವಾಚ್‌ಮನ್ ರಿಜಿಸ್ಟರ್ ಚಾಚುತ್ತಾನೆ: ಹೆಸರು, ವಿಳಾಸ, ಯಾರನ್ನು ನೋಡಬೇಕು. ವಿಳಾಸದ ಜಾಗದಲ್ಲಿ ಅಜ್ಜ ಅಡ್ಡಗೆರೆ ಎಳೆದು ಮುಂದೆ ಹೋಗುತ್ತಾರೆ.

ಮೂರನೇ ಮಹಡಿಯಲ್ಲಿ ಸೋಫಾ ಸರಿಸಿ ಜಾಗ ಮಾಡಿದ್ದಾರೆ. ಕಂಪ್ಯೂಟರ್ ಕೆಲಸದ ಮೊಮ್ಮಗ ಫೋನು ತೆಗೆದು ಪುಟದ ಮೇಲೆ ಹಿಡಿಯುವಷ್ಟರಲ್ಲಿ ಅಜ್ಜ ಅಂಗೈ ಅಡ್ಡ ಇಡುತ್ತಾರೆ.

'ಫೋಟೊ ಬ್ಯಾಡ ಬುದ್ಧಿ.'

'ಹಾಳಾಗ್ಬಾರ್ದು ಅಂತ, ಅಜ್ಜ. ಸೇಫಾಗಿ ಇರುತ್ತೆ.'

'ಪುಸ್ತಕ ಸೇಫಾಯ್ತದೆ. ನನ್ ಮಗನ್ನ ಯಾರು ಬಾಗ್ಲಿಗೆ ಕರೀತಾರೆ?'

ಹುಡುಗನ ಬಳಿ ಉತ್ತರವಿಲ್ಲ. ನನ್ನ ಬಳಿಯೂ ಇಲ್ಲ. ಅಜ್ಜನೇ ದಾರಿ ತೋರಿಸುತ್ತಾರೆ: 'ಪೆನ್ನು ತಗೊಂಡು ಬಾ. ನಾನು ಓದ್ತೀನಿ, ನೀನು ಬರ್ಕೊ. ಅದಕ್ಕೆ ಬೇರೆ ಕಾಣ್ಕೆ.'