ಕನ್ನಡಕವಿಲ್ಲದ ಅಭಿಮನ್ಯು

ಯಕ್ಷಗಾನದ ವೇಷಕ್ಕೂ ಕನ್ನಡಕಕ್ಕೂ ಎಂದಿಗೂ ಹೊಂದಿಕೆಯಾದುದಿಲ್ಲ. ಕಿರೀಟ, ಭುಜಕೀರ್ತಿ, ಎದೆಪದಕ, ವೀರಗಾಸೆ ಇವಕ್ಕೆಲ್ಲ ಕಲಾವಿದನ ದೇಹದಲ್ಲಿ ಒಂದೊಂದು ಸ್ಥಾನವುಂಟು. ಕನ್ನಡಕಕ್ಕೆ ಮಾತ್ರ ಇಲ್ಲ. ತಾಳಮದ್ದಳೆಯ ಅರ್ಥಧಾರಿ ದಪ್ಪ ಗಾಜಿನ ಕನ್ನಡಕ ಧರಿಸಿಯೇ ಶ್ರೀಕೃಷ್ಣನಾಗಿ ಸಂಧಾನಕ್ಕೆ ಹೊರಡಬಹುದು, ಕೇಳುವವರಿಗೆ ಅದರಿಂದ ರಸಭಂಗವಾಗದು. ಬಯಲಾಟದಲ್ಲಿ ಹಾಗಲ್ಲ. ಅಲ್ಲಿ ಮುಖಕ್ಕೆ ಬಣ್ಣ ಬಿದ್ದ ಗಳಿಗೆಯಿಂದ ಕನ್ನಡಕವು ಚೌಕಿಯ ಪೆಟ್ಟಿಗೆಯಲ್ಲಿ ಉಳಿಯಬೇಕು. ಹಾಗಾಗಿ ದೃಷ್ಟಿದೋಷವುಳ್ಳ ಕಲಾವಿದರು ಮಬ್ಬಿನಲ್ಲಿಯೇ ಕುಣಿದು, ಯುದ್ಧಮಾಡಿ, ಗೆದ್ದು, ಸತ್ತು ಚೌಕಿಗೆ ಮರಳುತ್ತ ಬಂದಿದ್ದಾರೆ. ಪ್ರೇಕ್ಷಕರಿಗೆ ಇದರ ಸುಳಿವೂ ಸಿಗುವುದಿಲ್ಲ.

ಪಾರ್ತಿಸುಬ್ಬನ ಊರೆಂದು ಹೆಸರಾದ ಕುಂಬಳೆಯ ಸಮೀಪದ ತರುಣನೊಬ್ಬನ ಸ್ಥಿತಿಯೂ ಇದೇ ಆಗಿತ್ತು. ಹಗಲು ಕನ್ನಡ ಸ್ನಾತಕೋತ್ತರ ವಿದ್ಯಾರ್ಥಿ. ಆಟವಿರುವ ರಾತ್ರಿಗಳಲ್ಲಿ ಪುಂಡುವೇಷಧಾರಿ. ಅಭಿಮನ್ಯು, ಬಬ್ರುವಾಹನ ಅವನ ಮೆಚ್ಚಿನ ವೇಷಗಳು. ನಾಲ್ಕನೆಯ ತರಗತಿಯಲ್ಲಿ ಮೂಗಿನ ಮೇಲೇರಿದ ಕನ್ನಡಕವು ವರ್ಷದಿಂದ ವರ್ಷಕ್ಕೆ ದಪ್ಪವಾಗಿ, ಇಪ್ಪತ್ತರ ವೇಳೆಗೆ ಎರಡು ಕಣ್ಣಿಗೂ ಮೈನಸ್ ಐದಕ್ಕೆ ಬಂದು ನಿಂತಿತ್ತು. ಮೈನಸ್ ಐದು ಎಂದರೆ ಕನ್ನಡಕ ತೆಗೆದಾಗ ಇಪ್ಪತ್ತು ಸೆಂಟಿಮೀಟರಿನಾಚೆಗೆ ಯಾವುದೂ ಸ್ಫುಟವಲ್ಲ. ಚಾಚಿದ ಸ್ವಂತ ಅಂಗೈಯ ರೇಖೆಗಳೂ ಅದರಾಚೆಯವೇ. ಅಂತಹ ಕಣ್ಣಿನಿಂದ ಅವನು ರಂಗಸ್ಥಳದಲ್ಲಿ ಧಿಗಿಣ ಹಾರುತ್ತಿದ್ದ. ಹಗಲಲ್ಲೇ ಬಂದು ರಂಗಸ್ಥಳದ ಉದ್ದಗಲವನ್ನು ಹೆಜ್ಜೆಯಲ್ಲಿ ಅಳೆದಿಟ್ಟುಕೊಳ್ಳುವುದು, ಚೆಂಡೆಯ ನಾದ ಯಾವ ಬದಿಯಿಂದ ಬರುತ್ತದೆಂಬುದರಿಂದ ತಾನು ನಿಂತ ಸ್ಥಳವನ್ನು ತಿಳಿಯುವುದು, ಎದುರು ವೇಷದ ಗೆಜ್ಜೆಯ ಸದ್ದಿನಿಂದ ಅಂತರವನ್ನು ಊಹಿಸುವುದು ಅವನ ಉಪಾಯಗಳು. ಭಾಗವತರ ಮುಖ ಅವನಿಗೆ ಕಾಣುತ್ತಿರಲಿಲ್ಲ. ಪದ ಎತ್ತುವ ಮುನ್ನ ಅವರು ಎಳೆದುಕೊಳ್ಳುವ ಉಸಿರು ಕೇಳಿಸುತ್ತಿತ್ತು.

ಕಾಂಟ್ಯಾಕ್ಟ್ ಲೆನ್ಸನ್ನು ಅವನು ಪ್ರಯತ್ನಿಸದೆ ಬಿಟ್ಟವನಲ್ಲ. ಬೆವರು, ಧೂಳು, ಕಣ್ಣಿನಂಚಿಗೆ ತೀಡಿದ ಕಾಡಿಗೆ, ಆಟ ಮುಗಿದ ಮೇಲೆ ಬಣ್ಣ ತೆಗೆಯಲು ಉಜ್ಜುವ ತೆಂಗಿನೆಣ್ಣೆ ಇವೆಲ್ಲ ಸೇರಿ ಲೆನ್ಸು ಅವನ ಕಣ್ಣನ್ನು ಕೆಂಡವಾಗಿಸುತ್ತಿತ್ತು. ಒಂದು ರಾತ್ರಿ ಚಕ್ರವ್ಯೂಹದ ನಡುವೆ ಬಲಗಣ್ಣಿನ ಲೆನ್ಸು ಜಾರಿ ಬಿದ್ದು, ಒಂದು ಕಣ್ಣು ಸ್ಪಷ್ಟ, ಇನ್ನೊಂದು ಮಬ್ಬು ಎಂಬ ಸ್ಥಿತಿಯಲ್ಲಿ ಅವನು ರಂಗಸ್ಥಳದ ಅಂಚನ್ನು ತಪ್ಪಾಗಿ ಎಣಿಸಿ ಕೆಳಗೆ ಬೀಳುವುದರಲ್ಲಿದ್ದ. ದ್ರೋಣನ ವೇಷದ ಹಿರಿಯರು ಯುದ್ಧದ ಕುಣಿತದ ನೆಪದಲ್ಲಿಯೇ ತೋಳು ಹಿಡಿದೆಳೆದು ಉಳಿಸಿದರು. ಆ ವರ್ಷದ ಅಡಿಕೆ ಮಾರಿ ಬಂದ ಹಣದಲ್ಲಿ ಒಂದು ಪಾಲನ್ನು ತಾಯಿ ಅವನ ಮುಂದಿಟ್ಟದ್ದು ಅದಾದ ಬಳಿಕ. "ಆಪರೇಶನ್ ಮಾಡಿಸು ಮಗಾ, ಇಲ್ಲವಾದರೆ ಗೆಜ್ಜೆ ಬಿಡು" ಎಂಬುದಷ್ಟೇ ಅವರ ಮಾತು.

ಲೇಸರಿನಿಂದ ಕಣ್ಣನ್ನು ತಿದ್ದುವ ಈ ವಿದ್ಯೆಯ ಬೇರು ಕಣ್ಣಾಸ್ಪತ್ರೆಯಲ್ಲಿಲ್ಲ. 1929ರಲ್ಲಿ ಮದರಾಸಿನಲ್ಲಿ ಹುಟ್ಟಿದ ರಂಗಸ್ವಾಮಿ ಶ್ರೀನಿವಾಸನ್ ಅಮೆರಿಕದ ಐಬಿಎಂ ಸಂಸ್ಥೆಯ ಸಂಶೋಧನಾಲಯದಲ್ಲಿ ರಸಾಯನವಿಜ್ಞಾನಿಯಾಗಿದ್ದರು. ಅವರೂ ಸಹೋದ್ಯೋಗಿಗಳಾದ ಜೇಮ್ಸ್ ವಿನ್ ಮತ್ತು ಸ್ಯಾಮ್ಯುಯೆಲ್ ಬ್ಲಮ್ ಅವರೂ ಎಕ್ಸೈಮರ್ ಎಂಬ ನೇರಳಾತೀತ ಲೇಸರಿನ ಪರಿಣಾಮವನ್ನು ಪರೀಕ್ಷಿಸುತ್ತಿದ್ದರು. 1981ರ ನವೆಂಬರ್ 27ರಂದು, ಹಿಂದಿನ ದಿನದ ಹಬ್ಬದೂಟದಲ್ಲಿ ಉಳಿದ ಟರ್ಕಿ ಕೋಳಿಯ ಚೂರನ್ನು ಶ್ರೀನಿವಾಸನ್ ಪ್ರಯೋಗಾಲಯಕ್ಕೆ ತಂದು, ಅದರ ಮೇಲೆ 193 ನ್ಯಾನೋಮೀಟರ್ ತರಂಗಾಂತರದ ಕಿರಣವನ್ನು ಹಾಯಿಸಿದರು. ಅಂಗಾಂಶ ಕರಕಾಗಲಿಲ್ಲ; ಅಚ್ಚುಕಟ್ಟಾದ ಗೆರೆಯಂತೆ ಕೊರೆದುಹೋಯಿತು. ಈ ಬೆಳಕು ಸುಡುವುದಕ್ಕಿಂತ ಹೆಚ್ಚಾಗಿ ಅಣುಗಳ ಬಂಧವನ್ನೇ ಬಿಡಿಸಿ ಮೇಲ್ಪದರವನ್ನು ಹಾರಿಸುತ್ತದೆ. ಆಳದ ಭಾಗ ತನ್ನ ಪಾಡಿಗಿರುತ್ತದೆ. ನೇತ್ರತಜ್ಞ ಸ್ಟೀಫನ್ ಟ್ರೋಕೆಲ್ ಅವರೊಡನೆ 1983ರಲ್ಲಿ ಈ ಗುಣವನ್ನು ಪಾರಪಟಲಕ್ಕೆ ಅನ್ವಯಿಸಿದ ಅಧ್ಯಯನ ಪ್ರಕಟವಾಯಿತು. ಮಾಂಸದ ಚೂರಿನಿಂದ ಹೊರಟ ದಾರಿ ಮನುಷ್ಯನ ಕಣ್ಣಿಗೆ ಬಂದು ಮುಟ್ಟಿದ್ದು ಹೀಗೆ.

ಪಾರಪಟಲವೆಂದರೆ ಕಣ್ಣಿನ ಮುಂಭಾಗದ ಪಾರದರ್ಶಕ ಗುಮ್ಮಟ; ನಡುವಿನಲ್ಲಿ ಅದರ ದಪ್ಪ ಸುಮಾರು ಅರ್ಧ ಮಿಲಿಮೀಟರ್. ಸಮೀಪದೃಷ್ಟಿಯುಳ್ಳವರ ಕಣ್ಣುಗುಡ್ಡೆ ಸಾಮಾನ್ಯವಾಗಿ ತುಸು ಉದ್ದ. ದೂರದ ವಸ್ತುವಿನ ಬಿಂಬವು ಅಕ್ಷಿಪಟಲವನ್ನು ತಲಪುವ ಮುನ್ನವೇ ಕೂಡಿಬಿಡುತ್ತದೆ. ಗುಮ್ಮಟದ ನಡುಭಾಗವನ್ನು ಕೊಂಚ ಚಪ್ಪಟೆಗೊಳಿಸಿದರೆ ಬಿಂಬ ಹಿಂದಕ್ಕೆ ಸರಿಯುತ್ತದೆ. ಮೈನಸ್ ಐದನ್ನು ಅಳಿಸಲು ತೆಗೆಯಬೇಕಾದದ್ದು ಹೆಚ್ಚುಕಡಿಮೆ ಒಂದು ತಲೆಗೂದಲಿನ ದಪ್ಪದಷ್ಟನ್ನು ಮಾತ್ರ. ಹೆಚ್ಚು ಪ್ರಚಾರದಲ್ಲಿರುವ ಲೇಸಿಕ್ ವಿಧಾನದಲ್ಲಿ ಮೇಲ್ಪದರವನ್ನು ಪುಸ್ತಕದ ಹಾಳೆಯಂತೆ ಎತ್ತಿ, ಕೆಳಗೆ ಲೇಸರ್ ಹಾಯಿಸಿ, ಹಾಳೆಯನ್ನು ಮತ್ತೆ ಮುಚ್ಚುತ್ತಾರೆ. ಮರುದಿನವೇ ಬಹುಮಟ್ಟಿನ ದೃಷ್ಟಿ ಬರುತ್ತದೆ. ಆದರೆ ಆ ಹಾಳೆ ಮೊದಲಿನ ಬಲದಿಂದ ಕೂಡಿಕೊಳ್ಳದು. ಬಲವಾದ ಪೆಟ್ಟು ಬಿದ್ದರೆ ಸರಿಯುವ ಅಪಾಯ ಉಳಿಯುತ್ತದೆ. ಕೋಲು, ಬಿಲ್ಲು, ಖಡ್ಗಗಳ ನಡುವೆ ಕುಣಿಯುವವನು, ಎಣ್ಣೆ ಹಚ್ಚಿ ಮುಖ ಉಜ್ಜುವವನು ಎಂದು ತಿಳಿದ ವೈದ್ಯರು ಹಳೆಯ ವಿಧಾನವಾದ ಪಿ.ಆರ್.ಕೆ.ಯನ್ನೇ ಸೂಚಿಸಿದರು. ಇದರಲ್ಲಿ ಹಾಳೆಯಿಲ್ಲ, ಐವತ್ತು ಮೈಕ್ರಾನಿನಷ್ಟಿರುವ ಹೊರಚರ್ಮವನ್ನೇ ಸವರಿ ತೆಗೆದು ಲೇಸರ್ ಹಾಯಿಸಿ, ಚರ್ಮ ತಾನಾಗಿ ಬೆಳೆಯಲು ಬಿಡುತ್ತಾರೆ. ಪೆಟ್ಟಿನ ಭಯ ಕಡಿಮೆ. ನೋವು ಮತ್ತು ಕಾಯುವಿಕೆ ಹೆಚ್ಚು. "ನಿಮಗೆ ಎಷ್ಟು ತಿಂಗಳ ಬಿಡುವುಂಟು?" ಎಂದು ವೈದ್ಯರು ಕೇಳಿದರು. ಪತ್ತನಾಜೆಗೆ ತಿರುಗಾಟ ಮುಗಿಯುತ್ತದೆ, ದೀಪಾವಳಿ ಕಳೆದ ಮೇಲೆಯೇ ಮತ್ತೆ ಗೆಜ್ಜೆ ಎಂದು ಇವನು ಉತ್ತರಿಸಿದ. ಶಸ್ತ್ರಚಿಕಿತ್ಸೆ ಮೇ ತಿಂಗಳ ಕೊನೆಗೆ ನಿಶ್ಚಯವಾಯಿತು.

ಮೇಜಿನ ಮೇಲೆ ಕಳೆದದ್ದು ಕೆಲವೇ ನಿಮಿಷ. ಮರಗಟ್ಟಿಸುವ ಹನಿಗಳು, ರೆಪ್ಪೆಗಳನ್ನು ಬಿಡಿಸಿ ಹಿಡಿಯುವ ಸಾಧನ, ದಿಟ್ಟಿಸಬೇಕೆಂದು ಹೇಳಿದ ಒಂದು ಮಿನುಗು ದೀಪ, ಒಂದು ನಿಮಿಷಕ್ಕೂ ಕಡಿಮೆ ಕಾಲದ ಟಕಟಕ ಸದ್ದು, ಕೂದಲು ಸುಟ್ಟಂತಹ ವಾಸನೆ. ಕೊನೆಯಲ್ಲಿ ಗಾಯಕ್ಕೆ ಕಟ್ಟಿನಂತೆ ಒಂದು ಮೃದುವಾದ ಲೆನ್ಸು.

ನಿಜವಾದ ಪರೀಕ್ಷೆ ಮನೆಯಲ್ಲಿ ಆರಂಭವಾಯಿತು. ಮೊದಲ ಮೂರು ದಿನ ಕಣ್ಣಿನಲ್ಲಿ ಮರಳು ಸುರಿದಂತೆ, ಹಸಿಮೆಣಸಿನ ಕೈ ತಾಗಿದಂತೆ ಉರಿ. ಮಳೆಗಾಲದ ಮಬ್ಬು ಬೆಳಕೂ ಸೂಜಿಯಂತೆ ಚುಚ್ಚುತ್ತಿತ್ತು. ಕಿಟಕಿಗೆ ಕಂಬಳಿ ಕಟ್ಟಿ, ತಾಯಿ ಗಂಟೆಗಳನ್ನೆಣಿಸಿ ಹನಿ ಹಾಕಿದರು. ಪಾರಪಟಲದಲ್ಲಿ ರಕ್ತನಾಳಗಳಿಲ್ಲ, ಆದರೆ ನರತಂತುಗಳು ಬಹಳ. ನೋವು ಅಷ್ಟು ತೀಕ್ಷ್ಣವಾಗಿರುವುದು ಅದರಿಂದಲೇ. ಅಂಚಿನಲ್ಲುಳಿದ ಜೀವಕೋಶಗಳು ಎಲ್ಲ ದಿಕ್ಕಿನಿಂದ ನಡುವಿನತ್ತ ಸರಿದು ಬಂದು ಕೂಡಿದಾಗ ಗಾಯ ಮುಚ್ಚುತ್ತದೆ. ಐದನೆಯ ದಿನ ಲೆನ್ಸು ತೆಗೆದರು. ನೋವು ಹೋಗಿತ್ತು, ದೃಷ್ಟಿ ಬಂದಿರಲಿಲ್ಲ. ಎಣ್ಣೆ ಸವರಿದ ಗಾಜಿನ ಹಿಂದೆ ನಿಂತಂತೆ ಲೋಕ ಕಾಣುತ್ತಿತ್ತು.

ವೈದ್ಯರು ಇದನ್ನು ಮೊದಲೇ ತಿಳಿಸಿದ್ದರು. ಹೊಸ ಚರ್ಮ ಮುಚ್ಚುವುದು ದಿನಗಳ ಕೆಲಸ, ಅದು ನಯವಾಗುವುದು ವಾರಗಳ ಕೆಲಸ, ದೃಷ್ಟಿ ನೆಲೆಗೊಳ್ಳುವುದು ತಿಂಗಳುಗಳ ಕೆಲಸ. ಆದರೂ ತಿಳಿದಿರುವುದು ಬೇರೆ, ಸಹಿಸುವುದು ಬೇರೆ. ಬೆಳಿಗ್ಗೆ ತೆಂಗಿನ ಗರಿಗಳು ಬಿಡಿಬಿಡಿಯಾಗಿ ಕಂಡರೆ ಸಂಜೆಗೆ ಮತ್ತೆ ಒಂದೇ ಹಸಿರು ಮುದ್ದೆ. ಎಡಗಣ್ಣು ಮುಂದೆ ಹೋದರೆ ಬಲಗಣ್ಣು ಹಿಂದೆ. ಪುಸ್ತಕ ಹಿಡಿದರೆ ಸಾಲುಗಳು ಈಜುತ್ತಿದ್ದವು. ಚಿಕ್ಕಂದಿನಿಂದ ಹತ್ತಿರದ ಅಕ್ಷರವನ್ನಾದರೂ ಧಾರಾಳವಾಗಿ ಕೊಟ್ಟಿದ್ದ ಕಣ್ಣು ಈಗ ಅದನ್ನೂ ಕಸಿದುಕೊಂಡಂತಾಯಿತು. ರಾತ್ರಿ ನಿದ್ದೆ ಬಾರದಾಗ, ಇದ್ದುದನ್ನೂ ಕಳೆದುಕೊಂಡೆನೇ ಎಂಬ ಪ್ರಶ್ನೆ ಅವನನ್ನು ಕಾಡಿತು. ಅದನ್ನು ತಾಯಿಯ ಮುಂದೆ ಆಡಲಿಲ್ಲ. ತಾಯಿಯೂ ಕೇಳಲಿಲ್ಲ, ಹನಿಯ ಸೀಸೆ ಹಿಡಿದ ಕೈ ಮಾತ್ರ ದಿನದಿನಕ್ಕೆ ಹೆಚ್ಚು ಹೊತ್ತು ಅವನ ಹಣೆಯ ಮೇಲೆ ನಿಲ್ಲುತ್ತಿತ್ತು.

ತಪಾಸಣೆಗಾಗಿ ಕುಂಬಳೆಯಿಂದ ಮಂಗಳೂರಿಗೆ ರೈಲು. 1956ರ ನವೆಂಬರ್ 1ರಂದು ಕಾಸರಗೋಡು ಕೇರಳಕ್ಕೆ ಸೇರಿದರೂ ಇಲ್ಲಿಯ ರೋಗಿಗಳ ದಾರಿ ಬಹುಮಟ್ಟಿಗೆ ಮಂಗಳೂರಿನದೇ. 2020ರಲ್ಲಿ ತಲಪಾಡಿಯ ಗಡಿ ಮುಚ್ಚಿದಾಗ ಆ ನಂಟಿನ ಬೆಲೆ ಜಿಲ್ಲೆಗೆಲ್ಲ ಮನವರಿಕೆಯಾಗಿತ್ತು. ಪರೀಕ್ಷೆಯ ಕೋಣೆಯಲ್ಲಿ ದಾದಿ, ಇವನ ಊರನ್ನು ಚೀಟಿಯಲ್ಲಿ ನೋಡಿ, ಮಲಯಾಳದ ಫಲಕ ಬೇಕೇ ಎಂದು ಕೇಳಿದರು. ಇವನು ಕನ್ನಡದ್ದನ್ನೇ ಬೇಡಿದ. ಹಾಲೆಂಡಿನ ಹರ್ಮನ್ ಸ್ನೆಲೆನ್ 1862ರಲ್ಲಿ ರೂಪಿಸಿದ ಫಲಕದ ಕ್ರಮವೇ ಲೋಕದ ಎಲ್ಲ ಲಿಪಿಗಳಿಗೂ ಹರಡಿದೆ. ಆದರೆ ಕಣ್ಣು ಕಂಡದ್ದನ್ನು ನಾಲಗೆ ಹೆಸರಿಸಬೇಕಾದರೆ ಅಕ್ಷರ ಪರಿಚಿತವಾಗಿರಬೇಕು. ಗಡಿನಾಡಿನ ಎಷ್ಟೋ ಅಜ್ಜಿಯರು ಕಾಣದೆ ಅಲ್ಲ, ಓದಲು ಬಾರದ ಲಿಪಿ ಎದುರಿಗಿದ್ದುದರಿಂದಲೇ ಮೌನವಾಗಿದ್ದಿರಬೇಕು. ಕನ್ನಡದ ಅಕ್ಷರಗಳೂ ಸುಲಭದವಲ್ಲ. 'ರ' ಮತ್ತು 'ಠ'ಗಳ ನಡುವೆ ಇರುವುದು ಒಂದು ಬೊಟ್ಟು. 'ಪ' ಮತ್ತು 'ಷ'ಗಳ ನಡುವೆ ಒಂದು ಗೆರೆ. 'ಬ' ಮತ್ತು 'ಭ'ಗಳ ನಡುವೆ ಕೆಳಗಿನ ಒಂದು ಸೀಳು. ಮೊದಲು ಕನ್ನಡಕ ತೆಗೆದರೆ ಅತಿ ದೊಡ್ಡ ಅಕ್ಷರವೂ ಕಾಣದವನು ಜೂನ್ ಮೊದಲ ವಾರದಲ್ಲಿ 6/18ರ ಸಾಲನ್ನು ತಡವರಿಸಿ ಓದಿದ. ಜುಲೈಯಲ್ಲಿ 6/9. ಸೆಪ್ಟೆಂಬರಿನ ಒಂದು ಮುಂಜಾನೆ 6/6ರ ಸಾಲಿನಲ್ಲಿ 'ಠ'ದ ಹೊಟ್ಟೆಯೊಳಗಿನ ಬೊಟ್ಟು ಕಂಡಿತು. ಅವನು ಅದನ್ನು ಎರಡು ಸಲ ಉಚ್ಚರಿಸಿದ. ದಾದಿ ಒಂದೇ ಸಲ ಸಾಕೆಂದು ನಕ್ಕರು.

ಫಲಕ ಗೆದ್ದ ಕಣ್ಣು ರಾತ್ರಿಯನ್ನು ಗೆದ್ದಿರಲಿಲ್ಲ. ಕತ್ತಲಾದೊಡನೆ ಬೀದಿದೀಪಗಳ ಸುತ್ತ ಪ್ರಭಾವಳಿ ಮೂಡುತ್ತಿತ್ತು. ಕತ್ತಲಲ್ಲಿ ಕಣ್ಣಪಾಪೆ ಹಿಗ್ಗುತ್ತದೆ. ಲೇಸರ್ ತಿದ್ದಿದ ವಲಯದ ಅಂಚಿನಿಂದಲೂ ಬೆಳಕು ಒಳನುಗ್ಗಿ ಚದುರುತ್ತದೆ. ಹೊಸ ಚರ್ಮದ ಒರಟುತನ, ಕಣ್ಣಿನ ಒಣಗುವಿಕೆಗಳೂ ಅದಕ್ಕೆ ಕೂಡುತ್ತವೆ. ಹೆಚ್ಚಿನವರಲ್ಲಿ ತಿಂಗಳುಗಳು ಕಳೆದಂತೆ ಇದು ಕಡಿಮೆಯಾಗುತ್ತದೆ. ಹಗಲಿನ ಉದ್ಯೋಗದವರಿಗೆ ಸಣ್ಣ ಕಿರುಕುಳವಾಗಿರುವ ಇದು, ರಾತ್ರಿಯೇ ಕರ್ಮಭೂಮಿಯಾದವನಿಗೆ ದೊಡ್ಡ ತೊಡಕು. ದೊಂದಿಯ ಕಾಲ ಹೋಗಿ, ಗ್ಯಾಸ್‌ಲೈಟಿನ ಕಾಲ ಹೋಗಿ, ಈಗ ಎಲ್ಇಡಿ ದೀಪಗಳು ರಂಗಸ್ಥಳದ ನಾಲ್ಕು ಕಡೆಯಿಂದ ಕಣ್ಣಿಗೆ ಹೊಡೆಯುತ್ತವೆ.

ನವೆಂಬರಿನಲ್ಲಿ ಮೊದಲ ವೇಷ, ಅಭಿಮನ್ಯುವೇ. ಪ್ರಭಾವಳಿಗೆ ಅವನು ಸಿದ್ಧನಾಗಿದ್ದ, ಮುಖಗಳಿಗೆ ಸಿದ್ಧನಾಗಿರಲಿಲ್ಲ. ಇಷ್ಟು ವರ್ಷ ರಂಗಸ್ಥಳದ ಮುಂದೆ ಇದ್ದುದು ಒಂದು ಕಪ್ಪು ಕಡಲು. ಈಗ ಅದರಲ್ಲಿ ಜನರಿದ್ದರು. ಮೊದಲ ಸಾಲಿನಲ್ಲಿ ಆಕಳಿಸುವ ಹಿರಿಯರು, ಮೊಬೈಲಿನ ಬೆಳಕಿನಲ್ಲಿ ಮುಳುಗಿದ ಹುಡುಗರು, ಕೈಕಟ್ಟಿ ಕುಳಿತ ತಾಯಿ. ಭಾಗವತರ ಮುಖ, ಅವರ ತಾಳದ ಬೆರಳುಗಳೂ ಕಂಡವು. ಕಂಡದ್ದನ್ನು ನಂಬಿ ಹೆಜ್ಜೆ ಇಡತೊಡಗಿದಾಗ ಕಾಲು ತಾಳಕ್ಕಿಂತ ಒಂದು ಅಕ್ಷರಕಾಲ ಹಿಂದೆ ಬಿತ್ತು. ಕಿವಿಗೆ ಒಪ್ಪಿಸಿದ್ದ ಕೆಲಸವನ್ನು ಕಣ್ಣು ಕಸಿದುಕೊಳ್ಳಲು ಹೊರಟಿತ್ತು, ಮಾಡಲು ಮಾತ್ರ ಕಲಿತಿರಲಿಲ್ಲ. ನಾಲ್ಕು ಧಿಗಿಣಗಳಲ್ಲಿ ಒಂದು ತಪ್ಪಿತು. ಅಂಚು ಎಲ್ಲಿದೆಯೆಂದು ಸ್ಪಷ್ಟವಾಗಿ ಕಾಣುತ್ತಿದ್ದುದರಿಂದಲೇ ಮೊದಲ ಬಾರಿಗೆ ಅವನಿಗೆ ಅಂಚಿನ ಭಯವಾಯಿತು.

ಚೌಕಿಯಲ್ಲಿ ಕಿರೀಟ ಬಿಚ್ಚುತ್ತಿದ್ದಾಗ ಗುರುಗಳು ಹತ್ತಿರ ಬಂದರು. "ಹೇಗೆ ಕಂಡಿತು?" ಎಂದು ಕೇಳಿದರು. "ಎಲ್ಲ ಕಂಡಿತು ಗುರುಗಳೇ, ಅದೇ ತೊಂದರೆಯಾಯಿತು" ಎಂದ. ಅವರು ಗಟ್ಟಿಯಾಗಿ ನಕ್ಕರು. "ಕಣ್ಣು ಬಂತಲ್ಲ ಮಾರಾಯಾ, ಒಳ್ಳೆಯದಾಯಿತು. ಇನ್ನು ಹೆಜ್ಜೆಯನ್ನು ಒಮ್ಮೆ ಮೊದಲಿನಿಂದ ಕಲಿತುಬಿಡು. ನಾಡಿದ್ದು ಬೆಳಿಗ್ಗೆ ಬಾ" ಎಂದರು. ಇವನು ಹೋದ. ಹಗಲಿನಲ್ಲಿ, ಬರಿಯ ಮದ್ದಳೆಗೆ, ಒಮ್ಮೆ ಕಣ್ಣು ಮುಚ್ಚಿ ಒಮ್ಮೆ ತೆರೆದು, ತೆಂಕುತಿಟ್ಟಿನ ಹೆಜ್ಜೆಗಳನ್ನು ಬಾಲಪಾಠದಿಂದ ಕುಣಿಸಿದರು. ಹಳೆಯ ಕಿವಿ ಹೊಸ ಕಣ್ಣಿಗೆ ಒಪ್ಪಂದಕ್ಕೆ ಬರಲು ಮಕರ ಸಂಕ್ರಾಂತಿ ಕಳೆಯಬೇಕಾಯಿತು.

ಈ ಚಿಕಿತ್ಸೆ ಎಲ್ಲರಿಗೂ ಒದಗುವಂಥದಲ್ಲ. ಪಾರಪಟಲ ತೆಳುವಾಗಿರುವವರಿಗೆ, ಅದು ಶಂಕುವಿನಂತೆ ಮುಂಚಾಚುವ ರೋಗವುಳ್ಳವರಿಗೆ, ಹದಿನೆಂಟು ತುಂಬದವರಿಗೆ, ಕನ್ನಡಕದ ಸಂಖ್ಯೆ ಇನ್ನೂ ಬದಲಾಗುತ್ತಿರುವವರಿಗೆ ವೈದ್ಯರು ಬೇಡವೆನ್ನುತ್ತಾರೆ. ಲೇಸರ್ ಪಡೆದವರಿಗೂ ನಲವತ್ತು ದಾಟಿದ ಮೇಲೆ ಓದುವ ಕನ್ನಡಕ ತಪ್ಪುವುದಿಲ್ಲ. ಅದು ಒಳಗಿನ ಮಸೂರದ ಮುಪ್ಪು, ಪಾರಪಟಲಕ್ಕೆ ಸಂಬಂಧಿಸಿದ್ದಲ್ಲ. ಈ ತರುಣನ ಕಣ್ಣಿಗೂ ಇಂದಿಗೂ ಕೃತಕ ಕಣ್ಣೀರಿನ ಹನಿ ಬೇಕು. ಚೌಕಿಯಲ್ಲಿ ಬಣ್ಣದ ಬಟ್ಟಲುಗಳ ಪಕ್ಕದಲ್ಲಿ ಆ ಪುಟ್ಟ ಸೀಸೆಯೂ ಕುಳಿತಿರುತ್ತದೆ. ದೀಪಗಳ ಸುತ್ತಣ ಬಳೆಗಳು ತೆಳುವಾಗಿವೆ, ಪೂರ್ತಿ ಅಳಿದಿಲ್ಲ.

ಕಳೆದ ತಿರುಗಾಟದಲ್ಲಿ ಅವನ ಮೇಳಕ್ಕೆ ಹೈಸ್ಕೂಲಿನ ಹುಡುಗನೊಬ್ಬ ಬಾಲಗೋಪಾಲನ ವೇಷಕ್ಕೆ ಬಂದ. ಬಣ್ಣಕ್ಕೆ ಕುಳಿತುಕೊಳ್ಳುವ ಮುನ್ನ ಆ ಹುಡುಗ ಕನ್ನಡಕವನ್ನು ತೆಗೆದು ಎಲ್ಲಿಡಲೆಂದು ತಡಕಾಡುತ್ತಿದ್ದ. ಇವನು ಅದನ್ನು ತೆಗೆದುಕೊಂಡು, ಒರಸಿ, ತನ್ನ ಪೆಟ್ಟಿಗೆಯಲ್ಲಿ ಭದ್ರವಾಗಿಟ್ಟು, ಹುಡುಗನ ಕೈಹಿಡಿದು ಖಾಲಿ ರಂಗಸ್ಥಳಕ್ಕೆ ಕರೆದೊಯ್ದ. ಅಂಚಿನಿಂದ ಅಂಚಿಗೆ ಎಷ್ಟು ಹೆಜ್ಜೆಯೆಂದು ಇಬ್ಬರೂ ಸೇರಿ ಎಣಿಸಿದರು.