ಕಿರುನಾಣ್ಯಗಳ ಲೆಕ್ಕ

ಹೊನ್ನಿನ ಕಥೆಯನ್ನು ಬರೆದವರು ಲೋಕದಲ್ಲಿ ಅನೇಕರು. ಕಾಸಿನ ಕಥೆಯನ್ನು ಬರೆದವರು ವಿರಳ. ಅರಸರ ಬಿರುದುಗಳನ್ನು ಹೊತ್ತ ಚಿನ್ನದ ನಾಣ್ಯಗಳು ವಸ್ತುಸಂಗ್ರಹಾಲಯಗಳ ಗಾಜಿನ ಪೆಟ್ಟಿಗೆಗಳಲ್ಲಿ ಇಂದಿಗೂ ಥಳಥಳಿಸುತ್ತವೆ. ಸಾವಿರಾರು ಕೈಗಳಲ್ಲಿ ಸವೆದು, ಅಕ್ಷರ ಅಳಿಸಿ, ಕಪ್ಪಾಗಿ ಹೋದ ತಾಮ್ರದ ಬಿಲ್ಲೆಗಳ ಕಡೆಗೆ ನೋಡುಗರ ದೃಷ್ಟಿ ಹರಿಯುವುದು ಅಪರೂಪ. ಆದರೆ ಬಡವನ ಒಂದು ದಿನದ ಊಟ, ಒಂದು ದಿನದ ಕೂಲಿ, ಒಂದು ದಿನದ ಮಾನ ಇವೆಲ್ಲ ಅಳೆಯಲ್ಪಟ್ಟದ್ದು ಈ ಕಿರುನಾಣ್ಯಗಳಿಂದಲೇ. ಈ ಮಾತನ್ನು ನೌಬಾದಿನ ನಿವೃತ್ತ ಶಿಕ್ಷಕರೊಬ್ಬರು ಗ್ರಂಥಗಳಿಂದ ಕಲಿತವರಲ್ಲ. ೧೯೫೭ರಲ್ಲಿ ತಾಯಿಯ ಪಲ್ಯದ ಬುಟ್ಟಿಯ ಬದಿಗೆ ಕುಳಿತು ಕಲಿತವರು.

ಬಹಮನಿ ಕಾಲದ ಸುರಂಗ ಬಾವಿಯಿಂದ ಹೆಸರಾದ ನೌಬಾದದಲ್ಲಿ ಅವರ ಬಾಲ್ಯ ಕಳೆಯಿತು. ತಂದೆ ಬೇಗ ತೀರಿಕೊಂಡಿದ್ದರು. ತಾಯಿ ಬೆಳಗಿನ ಜಾವ ತೋಟದಿಂದ ಪುಂಡಿಪಲ್ಯ, ಮೆಂತೆಪಲ್ಯಗಳನ್ನು ಸೂಡು ಕಟ್ಟಿ, ತಲೆಯ ಮೇಲೆ ಹೊತ್ತು ಬೀದರಿನ ಪೇಟೆಗೆ ನಡೆಯುತ್ತಿದ್ದಳು. ಶಾಲೆಯ ರಜೆಯ ದಿನಗಳಲ್ಲಿ ಹನ್ನೆರಡು ವರ್ಷದ ಬಾಲಕನೂ ಜೊತೆಗೆ ಹೋಗುತ್ತಿದ್ದನು. ತಾಯಿಗೆ ಅಕ್ಷರ ಬಾರದು. ಮಗನಿಗೆ ಲೆಕ್ಕದಲ್ಲಿ ತರಗತಿಗೇ ಮೊದಲ ಸ್ಥಾನ. ಆದುದರಿಂದ ಚಿಲ್ಲರೆ ಎಣಿಸುವ ಅಧಿಕಾರ ಸಹಜವಾಗಿಯೇ ಅವನಿಗೆ ದೊರೆಯಿತು.

ಆ ಕಾಲದ ಪೇಟೆಯ ಲೆಕ್ಕ ಇಂದಿನವರಿಗೆ ಸುಲಭವಾಗಿ ತಿಳಿಯುವಂತಹುದಲ್ಲ. ನಿಜಾಮ ಸಂಸ್ಥಾನಕ್ಕೆ ತನ್ನದೇ ಆದ ಹಾಲಿ ಸಿಕ್ಕಾ ಇದ್ದಿತು. ಅದರ ಮೇಲೆ ಚಾರ್‌ಮಿನಾರಿನ ಚಿತ್ರ. ಬ್ರಿಟಿಷ್ ಸರಕಾರದ ರೂಪಾಯಿಗೆ ಜನ ಕಲ್ದಾರ ಎನ್ನುತ್ತಿದ್ದರು. ಎರಡರಲ್ಲಿಯೂ ರೂಪಾಯಿಗೆ ಹದಿನಾರು ಆಣೆ, ಆಣೆಗೆ ಹನ್ನೆರಡು ಪೈ. ಆದರೆ ಬೆಲೆ ಸಮವಲ್ಲ: ಏಳು ಹಾಲಿ ರೂಪಾಯಿಗಳಿಗೆ ಆರು ಕಲ್ದಾರ ರೂಪಾಯಿಗಳು. ೧೯೫೦ರ ನಂತರ ಹಾಲಿಯು ಕ್ರಮೇಣ ಮರೆಯಾಗುತ್ತ ಬಂದರೂ ಮುದುಕರ ಬಾಯಲ್ಲಿ ಬೆಲೆಗಳು ಹಾಲಿಯಲ್ಲಿಯೇ ಉಳಿದಿದ್ದವು. ಎರಡನೆಯ ಮಹಾಯುದ್ಧದ ಕಾಲದಲ್ಲಿ, ತಾಮ್ರದ ಉಳಿತಾಯಕ್ಕಾಗಿ ನಡುವೆ ತೂತು ಬಿಟ್ಟು ಹೊರಡಿಸಿದ ಪೈಸೆಯನ್ನು ಹೆಂಗಸರು ದಾರದಲ್ಲಿ ಪೋಣಿಸಿ ಸೊಂಟಕ್ಕೆ ಸಿಕ್ಕಿಸಿಕೊಳ್ಳುತ್ತಿದ್ದರು. ಇಂತಹ ನಾಲ್ಕು ಪೈಸೆಗೆ ಒಂದು ಆಣೆ. ಪಲ್ಯದ ಸೂಡಿಗೆ ಒಂದು ಪೈಸೆ, ಆಣೆಗೆ ನಾಲ್ಕು ಸೂಡು. ಇಷ್ಟೇ ಆ ತಾಯಿಯ ಅರ್ಥಶಾಸ್ತ್ರ.

೧೯೫೭ರ ಏಪ್ರಿಲ್ ೧ರಂದು ದೇಶದಲ್ಲಿ ದಶಮಾನ ನಾಣ್ಯಪದ್ಧತಿ ಜಾರಿಗೆ ಬಂದಿತು. ರೂಪಾಯಿಗೆ ನೂರು ನಯಾ ಪೈಸೆ. ಹಳೆಯ ರೂಪಾಯಿಯಲ್ಲಿ ಅರವತ್ತನಾಲ್ಕು ಪೈಸೆಗಳಿದ್ದುದರಿಂದ ಹಳೆಯ ಒಂದು ಪೈಸೆಗೆ ಹೊಸ ಲೆಕ್ಕದಲ್ಲಿ ಒಂದೂವರೆಗಿಂತ ತುಸು ಹೆಚ್ಚು, ಆಣೆಗೆ ಆರೂಕಾಲು. ಅರ್ಧ ಅಥವಾ ಅದಕ್ಕೂ ಕಡಿಮೆ ಭಾಗವನ್ನು ಬಿಡುವುದು, ಅರ್ಧಕ್ಕೆ ಮೀರಿದ್ದನ್ನು ಒಂದೆಂದು ಹಿಡಿಯುವುದು ಎಂಬುದು ಪರಿವರ್ತನೆಯ ನಿಯಮ. ಇದರಂತೆ ಹಳೆಯ ಒಂದು ಪೈಸೆಗೆ ಎರಡು ನಯಾ ಪೈಸೆ, ಎರಡು ಪೈಸೆಗೆ ಮೂರು, ಮೂರು ಪೈಸೆಗೆ ಐದು, ಒಂದು ಆಣೆಗೆ ಆರು.

ಚುರುಕು ಬುದ್ಧಿಯ ಬಾಲಕನಿಗೆ ಈ ನಿಯಮದೊಳಗಿನ ಒಂದು ಸಂದು ಕೂಡಲೇ ಕಂಡಿತು. ನಾಲ್ಕು ಸೂಡುಗಳನ್ನು ಒಟ್ಟಾಗಿ ಮಾರಿದರೆ ಆರು ನಯಾ ಪೈಸೆ. ಒಂದೊಂದನ್ನೂ ಬೇರೆಬೇರೆಯಾಗಿ ಎಣಿಸಿದರೆ ಎಂಟು. ಬೆವರಿಲ್ಲದೆ, ಸುಳ್ಳಿಲ್ಲದೆ, ಕೇವಲ ಎಣಿಕೆಯ ಕ್ರಮದಿಂದಲೇ ಎರಡು ಪೈಸೆಯ ಲಾಭ! ತಾಯಿ ನೀರು ತರಲು ಹೋಗಿದ್ದ ಹೊತ್ತಿನಲ್ಲಿ ನಿತ್ಯದ ಗಿರಾಕಿಯಾದ ಒಬ್ಬ ಮುದುಕಿ ಬಂದು ನಾಲ್ಕು ಸೂಡು ಪುಂಡಿಪಲ್ಯ ಕೊಂಡು, ಹತ್ತು ಪೈಸೆಯ ಹೊಸ ನಾಣ್ಯವನ್ನು ಕೊಟ್ಟಳು. ಬಾಲಕನು ಸೂಡಿಗೆ ಎರಡರಂತೆ ಎಂಟು ಹಿಡಿದು, ಎಸಳಿನ ಅಂಚಿನ ಎರಡು ಪೈಸೆಯ ಒಂದು ನಾಣ್ಯವನ್ನು ಮರಳಿಸಿದನು. ಮುದುಕಿ ಅದನ್ನು ಅಂಗೈಯಲ್ಲಿಟ್ಟು ಕ್ಷಣಕಾಲ ನೋಡಿ, ಏನೂ ಅನ್ನದೆ ಹೊರಟುಹೋದಳು.

ತಾಯಿ ಬಂದೊಡನೆ ಮಗನು ತನ್ನ ಜಾಣತನವನ್ನು ಹೆಮ್ಮೆಯಿಂದ ವಿವರಿಸಿದನು. ಆಕೆ ಬೈಯಲಿಲ್ಲ, ಹೊಡೆಯಲಿಲ್ಲ. “ಲೆಕ್ಕ ನಿಂದು ಖರೇ ಅದ, ಮಗಾ. ಆದ್ರ ನಿನ್ನಿ ತನಕ ಆಣಾಕ್ಕ ನಾಕು ಸೂಡು ಒಯ್ದಾಕಿ ಇವತ್ತ ಮೂರೇ ಒಯ್ದಂಗ ಆಯ್ತಲ್ಲ, ಅದು ಖರೇ ಏನು?” ಎಂದಷ್ಟೇ ಕೇಳಿದಳು. ಬಳಿಕ ಸೆರಗಿನ ಗಂಟು ಬಿಚ್ಚಿ ಎರಡು ಪೈಸೆ ಕೊಟ್ಟು, ಮುದುಕಿಯ ಮನೆ ಹುಡುಕಿ ಮರಳಿಸಿ ಬರುವಂತೆ ಹೇಳಿದಳು.

ಚೌಬಾರಾದ ಮುಂದಿನಿಂದ, ಮಹಮೂದ ಗಾವಾನನ ಮದರಸಾದ ಆಚೆಯ ಓಣಿಗಳಲ್ಲಿ ಕೇಳುತ್ತ ಕೇಳುತ್ತ ಬಾಲಕನು ಆ ಮನೆಯನ್ನು ಮುಟ್ಟಿದನು. ಮುದುಕಿ ಜಗಲಿಯ ಮೇಲೆ ಪಲ್ಯ ಸೋಸುತ್ತಿದ್ದಳು. ಮೂರು ಸೂಡು ಮಾತ್ರ ಬಿಚ್ಚಿದ್ದವು. ನಾಲ್ಕನೆಯದು ಒದ್ದೆ ಬಟ್ಟೆಯಲ್ಲಿ ಸುತ್ತಿ ಬದಿಗಿತ್ತು. ನಾಣ್ಯವನ್ನು ಕೈಗಿತ್ತು ಅವನು ತಲೆ ತಗ್ಗಿಸಿ ನಿಂತಾಗ ಆಕೆ ನಕ್ಕು, ಹೊಸ ದುಡ್ಡು ತುಟ್ಟಿಯೆಂದು ತಿಳಿದು ಇನ್ನು ಮೇಲೆ ಮೂರೇ ಸೂಡು ಕೊಳ್ಳಬೇಕೆಂದು ಮಾಡಿದ್ದೆನೆಂದು ತನ್ನ ದಖನಿ ಮಾತಿನಲ್ಲಿ ಹೇಳಿದಳು. ಮೊಮ್ಮಕ್ಕಳು ಎಷ್ಟು ಜನರೆಂದು ಬಾಲಕನು ಕೇಳಲಿಲ್ಲ. ಒಳಗಿನಿಂದ ಬರುತ್ತಿದ್ದ ದನಿಗಳೇ ಉತ್ತರವಾಗಿದ್ದವು. ಹಾಳೆಯ ಮೇಲೆ ಎರಡು ಪೈಸೆಯಾಗಿದ್ದುದು ಆ ಮನೆಯಲ್ಲಿ ಒಂದು ತುತ್ತಾಗಿತ್ತು.

ಅಂದಿನಿಂದ ತಾಯಿಯ ಬುಟ್ಟಿಯಲ್ಲಿ ಒಂದು ಕಟ್ಟಳೆ ನಡೆಯಿತು. ನಾಲ್ಕು ಸೂಡು ಕೊಂಡವರಿಗೆ ಆರು ಪೈಸೆ. ಒಂದೇ ಸೂಡು ಕೊಂಡು ಎರಡು ಪೈಸೆ ತೆತ್ತವರಿಗೆ ನಾಲ್ಕು ಕಡ್ಡಿ ಕೊತಂಬರಿಯ ಕೊಸರು. ಸರಕಾರದ ಲೆಕ್ಕ ಕೈಬಿಟ್ಟ ಅರ್ಧ ಪೈಸೆಯನ್ನು ಅಕ್ಷರವರಿಯದ ಆ ಹೆಣ್ಣುಮಗಳು ಕೊಸರಿನಿಂದ ತುಂಬಿಸಿದಳು.

ಮುಂದೆ ಆ ಬಾಲಕನು ಓದಿ, ಇತಿಹಾಸದ ಶಿಕ್ಷಕನಾದನು. ಗ್ರೀಕ್ ದೇಶದ ಪಾಠ ಬಂದಾಗ ಅವರು ಪೆರಿಕ್ಲಿಸನ ವೈಭವಕ್ಕಿಂತ ಮೊದಲು ಓಬಲ್ ಎಂಬ ಕಿರುನಾಣ್ಯದ ಕಥೆಯನ್ನೇ ಹೇಳುತ್ತಿದ್ದರು. ಓಬಲ್ ಎಂಬ ಹೆಸರಿನ ಮೂಲಾರ್ಥ ಕಬ್ಬಿಣದ ಸರಳು. ದ್ರಾಖ್ಮೆ ಎಂದರೆ ಒಂದು ಹಿಡಿ. ನಾಣ್ಯ ಹುಟ್ಟುವುದಕ್ಕೆ ಮುನ್ನ ಸರಳುಗಳೇ ವಿನಿಮಯದ ಸಾಧನವಾಗಿದ್ದು, ಕೈಯಲ್ಲಿ ಹಿಡಿಯಬಹುದಾದ ಆರು ಸರಳುಗಳು ಒಂದು ದ್ರಾಖ್ಮೆಯಾದವು ಎಂಬುದು ಪ್ರಾಚೀನರ ವಿವರಣೆ. ಅಥೆನ್ಸಿನ ಬೆಳ್ಳಿಯ ದ್ರಾಖ್ಮೆ ಸುಮಾರು ೪.೩ ಗ್ರಾಂ, ಓಬಲ್ ಅದರ ಆರನೆಯ ಒಂದು ಭಾಗ. ಓಬಲಿನಲ್ಲಿಯೂ ಅರ್ಧ, ಕಾಲು ಎಂಬ ಬೆಳ್ಳಿಯ ತುಣುಕುಗಳಿದ್ದವು. ಕಾಲು ಓಬಲಿನ ತೂಕ ಒಂದೂವರೆ ಗುಲಗಂಜಿಯಷ್ಟು. ಉಗುರಿನ ಮೇಲಿಟ್ಟು ಉಸಿರು ಬಿಟ್ಟರೆ ಹಾರಿಹೋಗಬೇಕು. ಬಳಿಕ ಕಂಚಿನ ಖಾಲ್ಕಸ್ ಬಂದು ಓಬಲಿನ ಎಂಟನೆಯ ಒಂದು ಭಾಗವಾಗಿ ನಡೆಯಿತು. ಇಂತಹ ಸಣ್ಣ ನಾಣ್ಯಗಳನ್ನು ಪೇಟೆಗೆ ಹೋಗುವ ಜನರು ಬಾಯಲ್ಲಿಟ್ಟುಕೊಳ್ಳುತ್ತಿದ್ದರೆಂಬುದು ಅರಿಸ್ಟೊಫೆನೀಸನ ಹಾಸ್ಯ ನಾಟಕಗಳಿಂದ ತಿಳಿದುಬರುತ್ತದೆ. ಸತ್ತವರ ಬಾಯಲ್ಲಿಯೂ ಒಂದು ಓಬಲ್ ಇಡುತ್ತಿದ್ದರು. ಪರಲೋಕದ ನದಿಯನ್ನು ದಾಟಿಸುವ ಅಂಬಿಗನಿಗೆ ಅದು ಕೂಲಿ. ಕ್ರಿ. ಪೂ. ೪೨೫ರ ಸುಮಾರಿಗೆ ನ್ಯಾಯಸಭೆಯಲ್ಲಿ ಕುಳಿತ ನಾಗರಿಕನಿಗೆ ದಿನಕ್ಕೆ ಮೂರು ಓಬಲ್ ಕೊಡುತ್ತಿದ್ದರು. ದಿನದ ದುಡಿಮೆ ಬಿಟ್ಟು ಬಂದ ಬಡವನೂ ನ್ಯಾಯ ತೀರ್ಮಾನಿಸಲು ಶಕ್ತನಾದದ್ದು ಈ ಮೂರು ಬೆಳ್ಳಿ ತುಣುಕುಗಳ ಬಲದಿಂದ. ಅಥೆನ್ಸಿನ ಪ್ರಜಾಪ್ರಭುತ್ವವು ಚಿಲ್ಲರೆಯ ಮೇಲೆ ನಿಂತಿತ್ತೆಂದರೆ ಉತ್ಪ್ರೇಕ್ಷೆಯಾಗದು.

ಗ್ರೀಸಿಗೂ ಈ ನೆಲಕ್ಕೂ ಏನು ನಂಟು ಎಂದು ವಿದ್ಯಾರ್ಥಿಗಳು ಕೇಳುವುದು ವಾಡಿಕೆ. ಬೀದರಿಗೆ ಪಶ್ಚಿಮದಲ್ಲಿರುವ, ಇಂದಿನ ಧಾರಾಶಿವ ಜಿಲ್ಲೆಯ ತೇರ್ ಗ್ರಾಮವೇ ಗ್ರೀಕ್ ನಾವಿಕನ ‘ಪೆರಿಪ್ಲಸ್’ ಕೃತಿಯಲ್ಲಿ ಬರುವ ತಗರ. ಅಲ್ಲಿಂದ ಬಂಡಿಗಳ ಮೇಲೆ ಸರಕು ಭರುಕಚ್ಛದ ಬಂದರಿಗೆ ಹೋಗುತ್ತಿತ್ತು. ಆ ಬಂದರಿನಲ್ಲಿ ಮಿನಾಂಡರನ ಹಳೆಯ ದ್ರಾಖ್ಮೆಗಳು ಆಗಲೂ ಚಲಾವಣೆಯಲ್ಲಿದ್ದವೆಂದು ಅದೇ ಕೃತಿ ಹೇಳುತ್ತದೆ. ದ್ರಾಖ್ಮೆಯೇ ಭಾರತದಲ್ಲಿ ದ್ರಮ್ಮವಾಯಿತು. ಮಾನ್ಯಖೇಟದ ಅಮೋಘವರ್ಷನ ಕಾಲದ ಕನ್ಹೇರಿ ಶಾಸನಗಳಲ್ಲಿ ದಾನದ ಮೊತ್ತವು ದ್ರಮ್ಮಗಳಲ್ಲಿದೆ. ಭಾಸ್ಕರಾಚಾರ್ಯನು ೧೧೫೦ರಲ್ಲಿ ರಚಿಸಿದ ‘ಲೀಲಾವತಿ’ಯ ಆರಂಭದಲ್ಲಿಯೇ ಈ ಕೋಷ್ಟಕವಿದೆ: ಇಪ್ಪತ್ತು ಕವಡೆಗೆ ಒಂದು ಕಾಕಿಣಿ, ನಾಲ್ಕು ಕಾಕಿಣಿಗೆ ಒಂದು ಪಣ, ಹದಿನಾರು ಪಣಕ್ಕೆ ಒಂದು ದ್ರಮ್ಮ, ಹದಿನಾರು ದ್ರಮ್ಮಕ್ಕೆ ಒಂದು ನಿಷ್ಕ. ಒಂದು ದ್ರಮ್ಮಕ್ಕೆ ೧,೨೮೦ ಕವಡೆಗಳಾದವು. ಗ್ರೀಕರ ‘ಹಿಡಿ’ ಹೀಗೆ ನಮ್ಮ ಕವಡೆಯ ಕೈ ಹಿಡಿಯಿತು.

ಕನ್ನಡ ಶಾಸನಗಳಲ್ಲಿ ಗದ್ಯಾಣ, ಪಣಗಳ ಜೊತೆಗೆ ಹಾಗ, ಬೇಳೆ, ವೀಸಗಳೂ ಬರುತ್ತವೆ. ಪಣದ ಕಾಲು ಭಾಗ ಹಾಗ, ಹದಿನಾರನೆಯ ಒಂದು ಭಾಗ ವೀಸ. ನಂದಾದೀವಿಗೆಯ ಎಣ್ಣೆಗೆ, ಸಂತೆಯ ಸುಂಕಕ್ಕೆ ಕಲ್ಲಿನಲ್ಲಿ ಕಡೆದಿಟ್ಟ ದಾನಗಳಲ್ಲಿ ಇಂತಹ ಕಿರುಮೊತ್ತಗಳಿಗೂ ಸ್ಥಾನವಿದೆ. ಬಹಮನಿ ಸುಲ್ತಾನ ಒಂದನೆಯ ಮುಹಮ್ಮದ ಶಾಹನ ಕಾಲದಲ್ಲಿ ಸರಾಫರು ಸುಲ್ತಾನನ ನಾಣ್ಯಗಳನ್ನು ಕರಗಿಸಿ ವಿಜಯನಗರದ ಹೊನ್ನನ್ನೇ ನಡೆಸುತ್ತಿದ್ದರೆಂದೂ, ಅದಕ್ಕಾಗಿ ಸುಲ್ತಾನನು ಅವರಿಗೆ ಮರಣದಂಡನೆ ವಿಧಿಸಿದನೆಂದೂ ಇತಿಹಾಸಕಾರ ಫಿರಿಷ್ತಾ ಬರೆದಿದ್ದಾನೆ. ಮುಂದೆ ಬೀದರು ರಾಜಧಾನಿಯಾಗಿ ಮುಹಮ್ಮದಾಬಾದ್ ಎಂಬ ಟಂಕಸಾಲೆಯ ಹೆಸರು ಪಡೆಯಿತು. ಚಿನ್ನ ಬೆಳ್ಳಿಗಾಗಿ ಅರಸರು ರಕ್ತ ಹರಿಸಿದರು; ಸಂತೆಯ ಸಾಮಾನ್ಯರು ಮಾತ್ರ ತಾಮ್ರದ ಬಿಲ್ಲೆಗಳಿಂದ ಉಪ್ಪು ಕೊಂಡರು.

ನಾಣ್ಯಗಳಿಗೂ ಆಯುಷ್ಯವುಂಟು. ಹಾಲಿ ಸಿಕ್ಕಾ ೧೯೫೯ರಲ್ಲಿ ಮಾನ್ಯತೆ ಕಳೆದುಕೊಂಡಿತು. ನಯಾ ಪೈಸೆಯ ‘ನಯಾ’ ೧೯೬೪ರ ಜೂನ್ ೧ರಂದು ಅಳಿಯಿತು. ಗ್ರೀಸಿನಲ್ಲಿಯೇ ದ್ರಾಖ್ಮೆ ೨೦೦೨ರಲ್ಲಿ ಯೂರೋಕ್ಕೆ ಎಡೆಗೊಟ್ಟಿತು. ೨೦೧೧ರ ಜೂನ್ ೩೦ರಿಂದ ಇಪ್ಪತ್ತೈದು ಪೈಸೆ ಮತ್ತು ಅದಕ್ಕಿಂತ ಕೆಳಗಿನ ನಾಣ್ಯಗಳು ನಮ್ಮಲ್ಲಿ ಚಲಾವಣೆಯಿಂದ ಹೊರಬಿದ್ದವು. ಇಂದು ಪಲ್ಯದ ತಳ್ಳುಗಾಡಿಯಲ್ಲಿಯೂ ಫೋನಿನಿಂದ ಹಣ ಸಂದಾಯವಾಗುತ್ತದೆ. ಕೈಗೆ ನಾಣ್ಯದ ಭಾರವಿಲ್ಲ, ಕಿವಿಗೆ ಸಪ್ಪಳವಿಲ್ಲ. ಆದರೂ ಯಾರದೋ ಒಂದು ತುತ್ತು ಲೆಕ್ಕದ ಸಂದಿನಲ್ಲಿ ಜಾರಿಬೀಳುವ ಸಂಭವ ಮಾತ್ರ ತಪ್ಪಿಲ್ಲ.

ಆ ಶಿಕ್ಷಕರು ಸೇವೆಯಲ್ಲಿದ್ದಾಗ ಶಾಲೆಯ ಕೊಠಡಿಯೊಂದಕ್ಕಾಗಿ ವಂತಿಗೆ ಕೂಡಿಸುವ ಹೊಣೆ ಅವರ ಮೇಲೆ ಬಿದ್ದಿತು. ಸಾವಿರ ಕೊಟ್ಟವರಿದ್ದರು, ಹಿಡಿ ಜೋಳ, ಎಂಟಾಣೆ, ನಾಲ್ಕಾಣೆ ಕೊಟ್ಟವರೂ ಇದ್ದರು. ಸಣ್ಣ ಮೊತ್ತಗಳನ್ನೆಲ್ಲ ‘ಇತರೆ’ ಎಂಬ ಒಂದೇ ಸಾಲಿನಲ್ಲಿ ಸೇರಿಸಿದರೆ ಬರವಣಿಗೆ ಉಳಿಯುವುದೆಂದು ಸಹೋದ್ಯೋಗಿಗಳು ಸೂಚಿಸಿದರು. ಶಿಕ್ಷಕರು ಒಪ್ಪಲಿಲ್ಲ. ಒಂದೊಂದು ಹೆಸರಿಗೆ ಒಂದೊಂದು ಸಾಲು ಬರೆದರು. ಜೋಳ ಕೊಟ್ಟವರ ಮುಂದೆ ‘ಒಂದು ಹಿಡಿ’ ಎಂದೇ ನಮೂದಿಸಿದರು. ಆ ವಹಿಯಲ್ಲಿ ‘ಇತರೆ’ ಎಂಬ ಶೀರ್ಷಿಕೆ ಇಲ್ಲವೇ ಇಲ್ಲ. ಅದರ ಕೊನೆಯ ಪುಟಕ್ಕೆ ಅಂಟಿಸಿದ ಚಿಕ್ಕ ಲಕೋಟೆಯಲ್ಲಿ ಎಸಳಿನ ಅಂಚಿನ ಎರಡು ಪೈಸೆಯ ನಾಣ್ಯವೊಂದಿದೆ. ರೂಪಾಯಿಯ ಐವತ್ತನೆಯ ಭಾಗವೆಂದು ಅದರ ಮೇಲೆ ಹಿಂದಿಯಲ್ಲಿ ಬರೆದಿದೆ. ಅದರ ಪೂರ್ಣ ಬೆಲೆಯನ್ನು ಅರಿತಿದ್ದವಳು ಓದು ಬಾರದ ಒಬ್ಬ ತಾಯಿ.