ಮನೆ ಸಾಲ: ಕಂತು ಎಷ್ಟು ಅಂತ ಎಲ್ಲರೂ ಕೇಳ್ತಾರೆ, ಎಷ್ಟು ತಿಂಗಳು ಅಂತ ಯಾರೂ ಕೇಳಲ್ಲ

1/6

30 ಲಕ್ಷ ಸಾಲ. 20 ವರ್ಷ. ಬಡ್ಡಿ 8.5%. ತಿಂಗಳ ಕಂತು 26,035 ರೂಪಾಯಿ.

ಇದನ್ನ ಯಾರ ಮುಂದೆ ಇಟ್ಟರೂ ಬರೋ ಮೊದಲ ಪ್ರಶ್ನೆ, "ತಿಂಗಳಿಗೆ 26 ಸಾವಿರ ಕಟ್ಟೋಕಾಗತ್ತಾ?" ಗೃಹಪ್ರವೇಶಕ್ಕೆ ಬಂದ ನೆಂಟರು ಎಲೆ ಮುಂದೆ ಕೂತು ಪಾಯಸ ಬರೋವರೆಗೆ ಕೇಳೋದೂ ಅದನ್ನೇ: "ಇಎಂಐ ಎಷ್ಟು ಬೀಳತ್ತೆ?" ಎಷ್ಟು ತಿಂಗಳು ಕಟ್ಟಬೇಕು ಅಂತ ಕೇಳಿದವರನ್ನ ನಾನಂತೂ ಇನ್ನೂ ನೋಡಿಲ್ಲ.

ಈಗ ಫೋನ್ ತೆಗೆದು ಗುಣಿಸಿ. 26,035 × 240 ತಿಂಗಳು. ಸುಮಾರು 62 ಲಕ್ಷದ 48 ಸಾವಿರ. ಅದರಲ್ಲಿ ಮನೆಗೆ ಅಂತ ತಗೊಂಡ ದುಡ್ಡು 30 ಲಕ್ಷ. ಮಿಕ್ಕ 32 ಲಕ್ಷದ 48 ಸಾವಿರ ಬಡ್ಡಿ. ಒಂದು ಮನೇಲಿ ವಾಸ, ಎರಡು ಮನೆಗೆ ದುಡ್ಡು.

"ಅಯ್ಯೋ ಬ್ಯಾಂಕ್‌ನೋರು ಮೋಸ ಮಾಡ್ತಾರೆ" ಅಂತ ಕಾಮೆಂಟ್ ಹಾಕೋಕೆ ಮುಂಚೆ ತಡೀರಿ. ಇದರಲ್ಲಿ ಮೋಸ ಇಲ್ಲ, ಲೆಕ್ಕ ಇದೆ. ಸೆಕೆಂಡ್ ಸೆಮ್‌ನಲ್ಲಿ ನಾವೆಲ್ಲ ಬಾಯಿಪಾಠ ಹೊಡೆದು ಪಾಸಾದ ಆನ್ಯುಟಿ ಚಾಪ್ಟರ್ ಇದೇ. ಪರೀಕ್ಷೆ ಮುಗಿದ ಮೇಲೆ ಪುಸ್ತಕ ಮುಚ್ಚಿಟ್ವಿ. ಆದ್ರೆ ಅದೇ ಚಾಪ್ಟರು ನಮ್ಮ ಮನೆಯ ಗೋದ್ರೆಜ್ ಬೀರುವಿನಲ್ಲಿ, ಒಂದು ನೀಲಿ ಫೈಲಿನಲ್ಲಿ, ಅಪ್ಪನ ಸಹಿ ಹಾಕಿಸ್ಕೊಂಡು ಕೂತಿತ್ತು.

ಈ ಸಲದ ಆರು ಪೋಸ್ಟ್ ಇದರ ಬಗ್ಗೆ. ನಮ್ಮ ಮನೆ ಲೆಕ್ಕಾನೂ ಹಾಕ್ತೀನಿ. ಅಪ್ಪನ್ನ ಕೇಳಿಯೇ ಬರೀತಿದೀನಿ. "ಹಾಕು, ಯಾರಿಗಾದ್ರೂ ಉಪಯೋಗ ಆಗ್ಲಿ. ಬ್ಯಾಂಕ್ ಹೆಸರು ಮಾತ್ರ ಬೇಡ" ಅಂದ್ರು.

2/6

ಕಂತಿನ ಹೊಟ್ಟೆ ಒಳಗೆ ಏನಿದೆ?

ಫೋಟೋದಲ್ಲಿರೋ ಎಕ್ಸೆಲ್ ಶೀಟ್ ನೋಡಿ. ಅದೇ 30 ಲಕ್ಷದ ಸಾಲ. ಮೊದಲ ತಿಂಗಳು ಬಾಕಿ ಪೂರ್ತಿ 30 ಲಕ್ಷ. ಅದಕ್ಕೆ 8.5% ಅಂದ್ರೆ ಒಂದು ತಿಂಗಳ ಬಡ್ಡಿ 21,250. ನಾವು ಕಟ್ಟಿದ್ದು 26,035. ಬಡ್ಡಿ ಮುರ್ಕೊಂಡು ಅಸಲಿಗೆ ಹೋಗೋದು 4,785 ರೂಪಾಯಿ ಮಾತ್ರ.

ಎರಡನೇ ತಿಂಗಳು ಬಾಕಿ 4,785 ಕಡಿಮೆ, ಅದಕ್ಕೆ ಬಡ್ಡೀನೂ 34 ರೂಪಾಯಿ ಕಡಿಮೆ. ಆ 34 ರೂಪಾಯಿ ಅಸಲಿನ ಕಡೆ ಜರುಗತ್ತೆ. ಹೀಗೆ ತಿಂಗಳು ತಿಂಗಳು ಸ್ವಲ್ಪ ಸ್ವಲ್ಪ. ಕಂತಿನಲ್ಲಿ ಅಸಲಿನ ಪಾಲು ಬಡ್ಡಿಯ ಪಾಲನ್ನ ದಾಟೋದು ಯಾವಾಗ ಗೊತ್ತಾ? 12ನೇ ವರ್ಷ ಮುಗಿಯೋ ಹೊತ್ತಿಗೆ. ಅಲ್ಲಿವರೆಗೆ ಕಟ್ಟಿದ ಪ್ರತಿ ಕಂತಲ್ಲೂ ಅರ್ಧಕ್ಕಿಂತ ಜಾಸ್ತಿ ಬಡ್ಡಿ.

ಇನ್ನೊಂದು ಸಾಲು ನೋಡಿ, ಹಳದಿ ಬಣ್ಣ ಹಾಕಿದೀನಿ. ಸರಿಯಾಗಿ 10 ವರ್ಷ ಆದ ಮೇಲೆ. ಕಟ್ಟಿರೋದು 120 ಕಂತು, ಒಟ್ಟು 31 ಲಕ್ಷದ 24 ಸಾವಿರ. ತಗೊಂಡ ಸಾಲಕ್ಕಿಂತ ಜಾಸ್ತಿನೇ ಕಟ್ಟಾಯ್ತು. ಆದ್ರೂ ಬಾಕಿ ಸುಮಾರು 21 ಲಕ್ಷ! ಅರ್ಧ ದಾರಿ ಬಂದ್ವಿ ಅಂದ್ಕೊಂಡ್ರೆ, ಅಸಲಿನಲ್ಲಿ ಇನ್ನೂ ಮೂರರಲ್ಲಿ ಒಂದು ಪಾಲೂ ತೀರಿಲ್ಲ.

ಈ ಶೀಟ್ ಮಾಡೋಕೆ ಸಿಎ ಆಗಬೇಕಾಗಿಲ್ಲ. ಎಕ್ಸೆಲ್‌ನಲ್ಲಿ ಪಿಎಂಟಿ ಅನ್ನೋ ಫಾರ್ಮುಲಾ ಇದೆ. ವಾರ್ಷಿಕ ಬಡ್ಡಿ ದರವನ್ನ 12ರಿಂದ ಭಾಗಿಸಿ ಹಾಕಿ, ಆಮೇಲೆ ತಿಂಗಳ ಸಂಖ್ಯೆ, ಆಮೇಲೆ ಸಾಲದ ಮೊತ್ತ. ಕಂತು ಬಂತು. ಐದು ನಿಮಿಷದ ಕೆಲಸ.

3/6

"ಕಂತು ಭಾರ ಆದ್ರೆ ವರ್ಷ ಜಾಸ್ತಿ ಮಾಡ್ಕೊಳ್ಳಿ ಸರ್."

ಲೋನ್ ಕೌಂಟರಿನಲ್ಲಿ ತುಂಬಾ ಪ್ರೀತಿಯಿಂದ ಹೇಳೋ ಮಾತಿದು. ಅದರ ಬೆಲೆ ಎಷ್ಟು ಅಂತ ನೋಡೋಣ. ಅದೇ 30 ಲಕ್ಷ, ಅದೇ 8.5%.

15 ವರ್ಷಕ್ಕೆ: ಕಂತು 29,542. ಒಟ್ಟು ಬಡ್ಡಿ ಸುಮಾರು 23 ಲಕ್ಷದ 18 ಸಾವಿರ.
20 ವರ್ಷಕ್ಕೆ: ಕಂತು 26,035. ಒಟ್ಟು ಬಡ್ಡಿ ಸುಮಾರು 32 ಲಕ್ಷದ 48 ಸಾವಿರ.
30 ವರ್ಷಕ್ಕೆ: ಕಂತು 23,067. ಒಟ್ಟು ಬಡ್ಡಿ ಸುಮಾರು 53 ಲಕ್ಷ.

20ರಿಂದ 30ಕ್ಕೆ ಹೋದ್ರೆ ತಿಂಗಳಿಗೆ ಉಳಿಯೋದು 2,968 ರೂಪಾಯಿ. ಅದಕ್ಕೆ ಬದಲಾಗಿ ಜಾಸ್ತಿ ಕಟ್ಟೋ ಬಡ್ಡಿ 20 ಲಕ್ಷಕ್ಕೂ ಮೇಲೆ. ವರ್ಷ ಒಂದೂವರೆ ಪಟ್ಟಾದ್ರೂ ಕಂತು ಇಳಿಯೋದು ಹನ್ನೊಂದು ಪರ್ಸೆಂಟ್ ಅಷ್ಟೇ, ಯಾಕಂದ್ರೆ ಕಂತಿನ ಬಹುಪಾಲು ಬಡ್ಡೀನೇ. ಬಡ್ಡಿಗಿಂತ ಕೆಳಗೆ ಕಂತು ಹೋಗೋಕಾಗಲ್ಲ.

ಇನ್ನೊಂದು ಸಣ್ಣ ಸಮಾಚಾರ. ಸಾಲದ ಜೊತೆ ಇನ್ಶೂರೆನ್ಸ್ ಕೊಟ್ಟು, "ಪ್ರೀಮಿಯಂ ಈಗ ಕಟ್ಟೋದು ಬೇಡ, ಲೋನಿಗೇ ಸೇರಿಸಿಬಿಡ್ತೀವಿ" ಅಂತಾರೆ. 1 ಲಕ್ಷ ಪ್ರೀಮಿಯಂ ಸೇರಿಸಿದ್ರೆ 20 ವರ್ಷದಲ್ಲಿ ಅದು 2 ಲಕ್ಷದ 8 ಸಾವಿರ ಆಗತ್ತೆ. ದುಡಿಯೋರು ಒಬ್ಬರೇ ಇರೋ ಮನೆಗೆ ಇನ್ಶೂರೆನ್ಸ್ ಬೇಕು, ನಿಜ. ಆದ್ರೆ ಬೇರೆ ಟರ್ಮ್ ಪಾಲಿಸಿ ದರ ಕೇಳಿ, ಪಕ್ಕದಲ್ಲಿಟ್ಟು ನೋಡಿ.

ನ್ಯಾಯವಾಗಿ ಇನ್ನೊಂದು ಮುಖಾನೂ ಹೇಳ್ಬೇಕು. 20 ವರ್ಷ ಆದ್ಮೇಲೆ ಕಟ್ಟೋ 26,035ಕ್ಕೆ ಇವತ್ತಿನ ಬೆಲೆ ಇರಲ್ಲ. ಬೆಲೆ ಏರಿಕೆ ವರ್ಷಕ್ಕೆ 6% ಅಂತ ಹಿಡಿದ್ರೆ ಅದು ಇವತ್ತಿನ 8,100 ರೂಪಾಯಿಗೆ ಸಮ. ಬಾಡಿಗೆ ಉಳಿಯತ್ತೆ, ಜಾಗದ ಬೆಲೆ ಏರಬಹುದು. ಹಾಗಾಗಿ "ಸಾಲ ಮಾಡ್ಲೇಬೇಡಿ" ಅಂತ ನಾನು ಹೇಳ್ತಿಲ್ಲ. ಸಾಲ ಇಲ್ದೆ ನಮ್ಮಂಥ ಮನೆಯವರು ಮನೆ ಕಟ್ಟೋದು ಕನಸು. ಬೆಲೆ ಗೊತ್ತಿದ್ದು ತಗೊಳ್ಳಿ ಅಂತಿದೀನಿ ಅಷ್ಟೇ.

4/6

ಈಗ ನಮ್ಮ ಮನೆ.

ಹಾಸನ. ಅಪ್ಪಂದು ಹಾರ್ಡ್‌ವೇರ್ ಅಂಗಡಿ. 2021ರ ಅಕ್ಟೋಬರ್‌ನಲ್ಲಿ 18 ಲಕ್ಷ ಸಾಲ, 20 ವರ್ಷಕ್ಕೆ. ಆಗ ಬಡ್ಡಿ ತುಂಬಾ ಕಡಿಮೆ ಇತ್ತು, ನಮಗೆ ಸಿಕ್ಕಿದ್ದು 7%. ಕಂತು 13,955. ಅಪ್ಪನಿಗೆ ಆಗ 42. 62ಕ್ಕೆ ಸಾಲ ಮುಗಿಯತ್ತೆ ಅಂತ ಅವರ ಲೆಕ್ಕ.

ಆದ್ರೆ ಆ 7% ಫ್ಲೋಟಿಂಗ್. 2019ರ ಅಕ್ಟೋಬರ್‌ನಿಂದ ಬ್ಯಾಂಕುಗಳ ಹೊಸ ಫ್ಲೋಟಿಂಗ್ ಮನೆ ಸಾಲಗಳ ದರ ಹೊರಗಿನ ಒಂದು ಮಾನದಂಡಕ್ಕೆ ಕಟ್ಟಿರಬೇಕು ಅಂತ ರಿಸರ್ವ್ ಬ್ಯಾಂಕ್ ನಿಯಮ ಇದೆ. ಹೆಚ್ಚಿನವರದ್ದು ರೆಪೊ ದರಕ್ಕೆ. ರೆಪೊ ಏರಿದ್ರೆ ನಮ್ಮ ದರಾನೂ ಏರತ್ತೆ. 2022ರ ಮೇ ತಿಂಗಳಿಗೆ ಮುಂಚೆ ರೆಪೊ 4% ಇತ್ತು. 2023ರ ಫೆಬ್ರವರಿಗೆ 6.5%. ಹತ್ತೇ ತಿಂಗಳಲ್ಲಿ ಎರಡೂವರೆ ಏರಿಕೆ. ನಮ್ಮ 7% ಹೋಗಿ 9.5% ಆಯ್ತು.

ಆ ಹತ್ತು ತಿಂಗಳು ಮನೇಲಿ ಯಾರಿಗೂ ಏನೂ ಗೊತ್ತಾಗಲಿಲ್ಲ. ಯಾಕಂದ್ರೆ ಖಾತೆಯಿಂದ ಹೋಗ್ತಿದ್ದಿದ್ದು ಅದೇ 13,955. ಬ್ಯಾಂಕು ಕಂತು ಮುಟ್ಟದೆ ತಿಂಗಳ ಸಂಖ್ಯೆ ಏರಿಸ್ತಾ ಹೋಯ್ತು. ಇಂಗ್ಲಿಷ್‌ನಲ್ಲಿ ಎರಡು ಸಾಲಿನ ಎಸ್ಸೆಮ್ಮೆಸ್ ಬಂದಿತ್ತಂತೆ, ರೀಚಾರ್ಜ್ ಆಫರ್‌ಗಳ ಮಧ್ಯೆ. ಕೊನೆಗೆ 30 ವರ್ಷದ ಮಿತಿ ಮುಟ್ಟಿದಾಗ ಕಂತನ್ನೂ 14,880 ಮಾಡಿದ್ರು. ಅಪ್ಪ "ಒಂಬೈನೂರು ರೂಪಾಯಿ ಜಾಸ್ತಿ ಆಗಿದೆ, ಇರ್ಲಿ ಬಿಡು" ಅಂದ್ರು. ಮುಗಿಯೋ ವರ್ಷ 2041 ಇದ್ದಿದ್ದು 2051 ಆಗಿತ್ತು.

2051ಕ್ಕೆ ಅಪ್ಪನಿಗೆ 72. ನನಗೆ 46.

ಹೋದ ವರ್ಷ, 2025ರ ಜುಲೈನಲ್ಲಿ, ಸ್ಟೇಟ್‌ಮೆಂಟ್ ತರಿಸಿ ಎಕ್ಸೆಲ್‌ಗೆ ಹಾಕ್ದೆ. ಅಷ್ಟೊತ್ತಿಗೆ ಕಟ್ಟಿದ್ದು 46 ಕಂತು, ಸುಮಾರು 6 ಲಕ್ಷದ 68 ಸಾವಿರ. 18 ಲಕ್ಷದಲ್ಲಿ ತೀರಿದ್ದ ಅಸಲು 80 ಸಾವಿರಕ್ಕೂ ಕಡಿಮೆ. ಬಾಕಿ 17 ಲಕ್ಷದ 21 ಸಾವಿರ.

ಅಮ್ಮ ಆ ಸಾಲಿನ ಮೇಲೆ ಬೆರಳಿಟ್ಟು, "ಇದು ತಪ್ಪಿರಬೇಕು, ಇನ್ನೊಂದ್ಸಲ ಕೂಡು" ಅಂದ್ರು. ಇನ್ನೊಂದ್ಸಲ ಕೂಡಿದೆ. ಅಷ್ಟೇ ಬಂತು. ಅಪ್ಪ ಏನೂ ಮಾತಾಡ್ಲಿಲ್ಲ. ಎದ್ದು ಹೋಗಿ ಅಂಗಡಿ ಬೀಗದ ಕೈ ಹುಡುಕ್ತಾ ನಿಂತ್ರು, ಅದು ಅವರ ಜೇಬಲ್ಲೇ ಇತ್ತು.

5/6

ಆಮೇಲೆ ಏನು ಮಾಡಿದ್ವಿ.

2023ರ ಆಗಸ್ಟ್ 18ರಂದು ರಿಸರ್ವ್ ಬ್ಯಾಂಕ್ ಒಂದು ಸುತ್ತೋಲೆ ಹೊರಡಿಸಿದೆ. ಬಡ್ಡಿ ದರ ಬದಲಾದಾಗ ಕಂತು ಜಾಸ್ತಿ ಮಾಡಬೇಕಾ, ತಿಂಗಳು ಜಾಸ್ತಿ ಮಾಡಬೇಕಾ, ಎರಡೂ ಸ್ವಲ್ಪ ಸ್ವಲ್ಪನಾ, ಆಯ್ಕೆ ಸಾಲಗಾರನಿಗೆ ಕೊಡಬೇಕು. ಮೂರು ತಿಂಗಳಿಗೊಮ್ಮೆ ಸ್ಟೇಟ್‌ಮೆಂಟ್ ಕೊಡಬೇಕು. ಅದರಲ್ಲಿ ಇಲ್ಲಿವರೆಗೆ ಹೋದ ಅಸಲು, ಹೋದ ಬಡ್ಡಿ, ಕಂತಿನ ಮೊತ್ತ, ಉಳಿದಿರೋ ಕಂತುಗಳ ಸಂಖ್ಯೆ ಇರಬೇಕು. ಹಳೇ ಸಾಲಗಳಿಗೂ ಇದು ಅನ್ವಯ.

ಸುತ್ತೋಲೆ ಪ್ರಿಂಟ್ ತಗೊಂಡು ನಾನೂ ಅಪ್ಪನೂ ಬ್ರಾಂಚಿಗೆ ಹೋದ್ವಿ. ಮೊದಲ ದಿನ "ಸಿಸ್ಟಮ್ ಅಲ್ಲೇ ಹಂಗೆ ಬರತ್ತೆ" ಅಂದ್ರು. ಎರಡನೇ ಸಲ ಅರ್ಜಿ ಬರೆದು, ಒಂದು ಪ್ರತಿಗೆ ಸೀಲ್ ಹಾಕಿಸ್ಕೊಂಡ್ವಿ. ಮೂರನೇ ಸಲ ಹೋದಾಗ ಮೇಡಮ್ ಒಬ್ರು ಕೂರಿಸಿ ಚೆನ್ನಾಗಿಯೇ ಲೆಕ್ಕ ಮಾಡಿ ಕೊಟ್ರು.

2025ರ ಫೆಬ್ರವರಿಯಿಂದ ಜೂನ್ ಒಳಗೆ ರೆಪೊ 6.5ರಿಂದ 5.5ಕ್ಕೆ ಇಳಿದಿತ್ತು. ಹಾಗಾಗಿ ನಮ್ಮ ದರ 8.5%. 14,880ನ್ನೇ ಕಟ್ತಾ ಹೋದ್ರೆ ಸಾಲ ಮುಗಿಯೋದು 2045ರಲ್ಲಿ. ಮೊದಲಿನ ಹಾಗೆ 2041ಕ್ಕೇ ಮುಗೀಬೇಕಂದ್ರೆ ಕಂತು 16,308. ತಿಂಗಳಿಗೆ 1,428 ಜಾಸ್ತಿ ಕಟ್ಟಿದ್ರೆ ಸುಮಾರು ನಾಲ್ಕು ವರ್ಷ ಮೊದಲೇ ಬಿಡುಗಡೆ, ಒಟ್ಟು 4 ಲಕ್ಷದ 20 ಸಾವಿರದಷ್ಟು ಉಳಿತಾಯ.

ಕಾಗದದ ಮೇಲೆ ಬಹಳ ಸುಲಭ. ಆದ್ರೆ ಆ 1,428 ಎಲ್ಲಿಂದ ತರೋದು? ಅಂಗಡಿ ವ್ಯಾಪಾರ ಮಳೆಗಾಲದಲ್ಲಿ ಪೂರ್ತಿ ಮಲಗತ್ತೆ. ತಂಗಿ ಪಿಯುಸಿ. ಅಮ್ಮ ಕಟ್ತಿದ್ದ ಚೀಟಿ ಆಗಷ್ಟೇ ಮುಗಿದಿತ್ತು, ಹೊಸದಕ್ಕೆ ಸೇರಬೇಕು ಅಂತಿದ್ರು. ಅಡುಗೆಮನೆಯಲ್ಲಿ ಎರಡು ದಿನ ಇದೇ ಮಾತು. ಕೊನೆಗೆ ಅಮ್ಮನೇ "ಈ ಸಲ ಚೀಟಿ ಬೇಡ, ಆ ದುಡ್ಡು ಕಂತಿಗೆ ಹೋಗ್ಲಿ" ಅಂದ್ರು. ನಾನು ಸಂಜೆ ಹೊತ್ತು ಒಂದು ಟ್ಯಾಕ್ಸ್ ಆಫೀಸಿನಲ್ಲಿ ಟ್ಯಾಲಿ ಎಂಟ್ರಿ ಮಾಡ್ತೀನಿ. ನಂದೂ ಸೇರಿಸಿ ಅಂದಾಗ ಅಪ್ಪ ಒಪ್ಪಲಿಲ್ಲ. "ನಿನ್ ದುಡ್ಡು ನಿನ್ ಓದಿಗೆ. ಈ ಮನೆ ನಿನಗೆ ಬರ್ಲಿ, ಸಾಲ ಬರಬಾರ್ದು" ಅಂದ್ರು.

ಮನೆ ಸಾಲದ ನಿಜವಾದ ಬೆಲೆ ನನಗೆ ಅರ್ಥ ಆಗಿದ್ದು ಆ ಮಾತಲ್ಲಿ. 2041 ಆದ್ರೆ ಅದು ಅಪ್ಪನ ಸಾಲ. 2051 ಆಗಿದ್ರೆ ನಂದೂ ಆಗ್ತಿತ್ತು.

6/6

ಕೊನೆ ಪೋಸ್ಟ್. ಇದನ್ನ ಸೇವ್ ಮಾಡ್ಕೊಳ್ಳಿ, ಮನೆ ಗ್ರೂಪಿಗೂ ಕಳಿಸಿ.

ಒಂದು. ಫ್ಲೋಟಿಂಗ್ ದರದ ಮನೆ ಸಾಲವನ್ನ ವ್ಯಕ್ತಿಗಳು ಮೊದಲೇ ಕಟ್ಟಿದ್ರೆ ಬ್ಯಾಂಕು ದಂಡ ಹಾಕೋ ಹಾಗಿಲ್ಲ. 2012ರಿಂದಲೇ ಈ ನಿಯಮ ಇದೆ. ಫಿಕ್ಸೆಡ್ ದರ ಆದ್ರೆ ಒಪ್ಪಂದ ಓದಿ ನೋಡಿ.

ಎರಡು. ಹೆಚ್ಚಿಗೆ ಕಟ್ಟೋದಾದ್ರೆ ಬೇಗ ಕಟ್ಟಿ. ನಮ್ಮ 30 ಲಕ್ಷದ ಉದಾಹರಣೆಯಲ್ಲಿ ಮೊದಲ ವರ್ಷದ ಕೊನೆಗೆ 1 ಲಕ್ಷ ಹೆಚ್ಚಿಗೆ ಕಟ್ಟಿದ್ರೆ 18 ಕಂತು ಕಡಿಮೆ, ಬಡ್ಡಿ ಉಳಿತಾಯ ಸುಮಾರು 3 ಲಕ್ಷದ 70 ಸಾವಿರ. ಅದೇ 1 ಲಕ್ಷವನ್ನ 15ನೇ ವರ್ಷದ ಕೊನೆಗೆ ಕಟ್ಟಿದ್ರೆ ಉಳಿಯೋದು ಸುಮಾರು 50 ಸಾವಿರ.

ಮೂರು. ಒಟ್ಟಿಗೆ ಲಕ್ಷ ಇಲ್ವಾ? ವರ್ಷಕ್ಕೆ ಒಂದೇ ಒಂದು ಕಂತು ಜಾಸ್ತಿ ಕಟ್ಟಿ. 20 ವರ್ಷದ ಸಾಲ 16 ವರ್ಷ 9 ತಿಂಗಳಿಗೆ ಮುಗಿಯತ್ತೆ, 6 ಲಕ್ಷಕ್ಕೂ ಮೇಲೆ ಬಡ್ಡಿ ಉಳಿಯತ್ತೆ. ಕಟ್ಟುವಾಗ "ಕಂತು ಹಾಗೇ ಇರಲಿ, ಅವಧಿ ಕಡಿಮೆ ಮಾಡಿ" ಅಂತ ಬರೆದು ಕೊಡಿ. ಆದ್ರೆ ಕೈಯಲ್ಲಿ ಆಸ್ಪತ್ರೆಗೆ, ಫೀಸಿಗೆ ಅಂತ ಇಟ್ಟಿರೋ ದುಡ್ಡನ್ನ ಗುಡಿಸಿ ಕಟ್ಟಬೇಡಿ. ಆಮೇಲೆ ಚಿನ್ನ ಅಡ ಇಡೋ ಹಾಗಾದ್ರೆ ಉಳಿಸಿದ್ದು ಏನು?

ನಾಲ್ಕು. "ಟ್ಯಾಕ್ಸ್ ಉಳಿಯತ್ತೆ, ಸಾಲ ಇಟ್ಕೋ" ಅನ್ನೋ ಮಾತು ನಂಬೋಕೆ ಮುಂಚೆ ಕೇಳಿ. ನಾವೇ ವಾಸ ಇರೋ ಮನೆಯ ಬಡ್ಡಿಗೆ ವರ್ಷಕ್ಕೆ 2 ಲಕ್ಷದವರೆಗಿನ ವಿನಾಯಿತಿ ಹಳೇ ತೆರಿಗೆ ಪದ್ಧತಿಯಲ್ಲಿ ಮಾತ್ರ. ಹೊಸ ಪದ್ಧತಿಯಲ್ಲಿ ಇಲ್ಲ.

ಐದು. ಸಾಲ ಪೂರ್ತಿ ತೀರಿದ 30 ದಿನದೊಳಗೆ ಮನೆಯ ಮೂಲ ಪತ್ರಗಳನ್ನ ವಾಪಸ್ ಕೊಡಬೇಕು. ಬ್ಯಾಂಕಿನ ಕಡೆಯಿಂದ ತಡ ಆದ್ರೆ ದಿನಕ್ಕೆ 5,000 ರೂಪಾಯಿ ಪರಿಹಾರ. 2023ರ ಡಿಸೆಂಬರ್ 1ರಿಂದ ಈ ನಿಯಮ ಇದೆ.

ನಮ್ಮ ಕ್ಲಾಸಲ್ಲಿ ಈಗಲೇ ಅರ್ಧ ಜನ ಫೋನನ್ನ ಕಂತಲ್ಲಿ ತಗೊಂಡಿದೀವಿ. "ತಿಂಗಳಿಗೆ ಎರಡು ಸಾವಿರ ಅಷ್ಟೇ ಮಗಾ" ಅಂತೀವಿ. ಇನ್ನೊಂದು ಎಂಟು ಹತ್ತು ವರ್ಷಕ್ಕೆ ನಾವೂ ಆ ಲೋನ್ ಕೌಂಟರಿನ ಮುಂದೆ ಕೂತಿರ್ತೀವಿ, ಸಂಖ್ಯೆಗೆ ಎರಡು ಸೊನ್ನೆ ಜಾಸ್ತಿ ಇರತ್ತೆ, ಮಾತು ಇದೇ ಇರತ್ತೆ. ಇವತ್ತಿಂದಲೇ ಎರಡನೇ ಪ್ರಶ್ನೆ ಕೇಳೋದು ರೂಢಿ ಮಾಡ್ಕೊಳ್ಳೋಣ: ಎಷ್ಟು ತಿಂಗಳು?

ನಿಮ್ಮ ಮನೇಲೂ ಸಾಲ ಇದ್ರೆ ಸ್ಟೇಟ್‌ಮೆಂಟಿನಲ್ಲಿ ಉಳಿದ ಕಂತುಗಳ ಸಂಖ್ಯೆ ಹುಡುಕಿ. ಸಾಲ ತಗೊಂಡಾಗ ಎಷ್ಟಿತ್ತು, ಈಗ ಎಷ್ಟಿದೆ ನೋಡಿ. ಲೆಕ್ಕ ಅರ್ಥ ಆಗದಿದ್ರೆ ಮೆಸೇಜ್ ಮಾಡಿ. ಹೆಸರು, ಖಾತೆ ಸಂಖ್ಯೆ ಏನೂ ಕಳಿಸಬೇಡಿ, ಬಾಕಿ, ದರ, ತಿಂಗಳು ಮೂರೇ ಸಾಕು. ಎಕ್ಸೆಲ್ ಶೀಟ್ ಮಾಡಿ ಕಳಿಸ್ತೀನಿ. ಫೀಸು ಇಲ್ಲ, ಕ್ಯಾಂಟೀನಲ್ಲಿ ಸಿಕ್ಕಾಗ ಒಂದು ಟೀ.

#ಮನೆಸಾಲ #ಕಂತಿನಲೆಕ್ಕ #ಬಿಕಾಂಹುಡುಗರು #ಕನ್ನಡದಲ್ಲಿಹಣಕಾಸು